ಪರದೆ ಏಳುವ ಮುಂಚೆ ಹಾಡುವವರು: ರೊಸ್ಸೀನಿಯ ‘ಎರ್ಮೀಯೊನೆ’ಯಲ್ಲಿ ನನ್ನ ಅನುಭವ

‘ಎರ್ಮೀಯೊನೆ’ ಇಟಲಿಯ ಸಂಗೀತಗಾರ ರೊಸ್ಸೀನಿ ರಚಿಸಿದ ಒಪೆರಾ, ಅಂದರೆ ಸಂಗೀತ ನಾಟಕ. ಅದರಲ್ಲಿ ಮೊದಲು ಬಾಯಿ ತೆರೆಯುವುದು ನಾಯಕಿಯಲ್ಲ. ನಾಯಕನೂ ಅಲ್ಲ. ಪರದೆ ಇನ್ನೂ ಎದ್ದಿರುವುದಿಲ್ಲ, ಆರ್ಕೆಸ್ಟ್ರಾ ಓವರ್ಚರ್, ಅಂದರೆ ಆರಂಭದ ಸಂಗೀತ, ನುಡಿಸುತ್ತಿರುತ್ತದೆ. ಅದರ ನಡುವೆಯೇ ಪರದೆಯ ಹಿಂದಿನಿಂದ ಒಂದು ಗುಂಪಿನ ಗೋಳು ಕೇಳಿಸುತ್ತದೆ. ಸೆರೆ ಸಿಕ್ಕ ಟ್ರಾಯ್ ಜನ ತಮ್ಮ ಹಾಳಾದ ಊರನ್ನು ನೆನೆದು ಅಳುತ್ತಿರುತ್ತಾರೆ. ಓವರ್ಚರ್ ಅಂದರೆ ಬರೀ ವಾದ್ಯಗಳ ಸಂಗೀತ ಎಂದುಕೊಂಡಿದ್ದ ಕಾಲ ಅದು. ರೊಸ್ಸೀನಿ ಅಲ್ಲಿಗೆ ಮನುಷ್ಯರ ದನಿ ತಂದಿಟ್ಟ.

ನಾನು ಇಟಲಿಯ ಬೊಲೊನ್ಯಾದಲ್ಲಿ ಕೆಲಸಕ್ಕಿರುವ ಕನ್ನಡಿಗ. ಸಂಜೆ ಹೊತ್ತು, ಗುಂಪಾಗಿ ಹಾಡುವ ಒಂದು ಹವ್ಯಾಸಿ ಕೋರಸ್‌ನಲ್ಲಿ ಬಾಸ್ ಹಾಡುತ್ತೇನೆ, ಅಂದರೆ ಗಂಡಸರ ಅತಿ ತಗ್ಗಿನ ದನಿ. ನಮ್ಮ ಗುಂಪು ಈ ಒಪೆರಾದ ಕೆಲವು ದೃಶ್ಯಗಳನ್ನು ವೇಷ ಇಲ್ಲದೆ, ಬರೀ ಪಿಯಾನೊ ಜೊತೆ ಹಾಡಿತು. ಪೂರ್ತಿ ಒಪೆರಾ ನಮ್ಮಂಥವರ ಕೈಗೆ ಎಟುಕುವಂಥದ್ದಲ್ಲ. ಮುಖ್ಯ ಪಾತ್ರಗಳಲ್ಲೇ ಮೂವರು ಟೆನರ್‌ಗಳು, ಅಂದರೆ ಎತ್ತರದ ದನಿಯ ಗಂಡಸರು, ಬೇಕು, ಅದರಲ್ಲಿ ಇಬ್ಬರಿಗೆ ಬೆವರಿಳಿಸುವ ಹಾಡುಗಳಿವೆ. ನಾಯಕಿಯ ಪಾತ್ರವಂತೂ ಕೇಳಲೇಬೇಡಿ. ಆ ಕಷ್ಟ ಸೋಲೊ ಹಾಡುವವರದು. ನಾನು ಇಲ್ಲಿ ಹೇಳುವುದು ಹಿಂದಿನ ಸಾಲಿನವರ ಕಥೆ.

ಮೊದಲು ಸ್ವಲ್ಪ ಹಿನ್ನೆಲೆ. 1815ರಲ್ಲಿ ರೊಸ್ಸೀನಿ ನೇಪಲ್ಸ್‌ಗೆ ಹೋದ. ಅಲ್ಲಿನ ಸಾನ್ ಕಾರ್ಲೊ ರಂಗಮಂದಿರವನ್ನು ನಡೆಸುತ್ತಿದ್ದವನು ದೊಮೆನಿಕೊ ಬಾರ್ಬಾಯಾ ಎಂಬ ವ್ಯಾಪಾರಿ. ಅವನ ಹತ್ತಿರ ಒಳ್ಳೆಯ ಆರ್ಕೆಸ್ಟ್ರಾ ಇತ್ತು, ಆ ಕಾಲದ ಅತ್ಯುತ್ತಮ ಗಾಯಕರಿದ್ದರು. 1822ರ ತನಕ ರೊಸ್ಸೀನಿ ನೇಪಲ್ಸ್‌ಗೆ ಒಂಬತ್ತು ಗಂಭೀರ ಒಪೆರಾ ಬರೆದುಕೊಟ್ಟ. ‘ಎರ್ಮೀಯೊನೆ’ ಅವುಗಳಲ್ಲಿ ಒಂದು. 1819ರ ಮಾರ್ಚ್ 27ರಂದು ಮೊದಲ ಪ್ರದರ್ಶನ. ಇಸಬೆಲ್ಲಾ ಕೊಲ್ಬ್ರಾನ್ ನಾಯಕಿ. ಬೆನೆದೆತ್ತಾ ಪಿಸರೋನಿ ಆಂದ್ರೊಮಾಕಾ. ಆಂದ್ರೆಯಾ ನೊತ್ಸಾರಿ ಮತ್ತು ಜೊವಾನ್ನಿ ದವಿದ್ ದೊಡ್ಡ ಟೆನರ್‌ಗಳು. ಇಷ್ಟು ದೊಡ್ಡ ಹೆಸರುಗಳಿದ್ದೂ ಒಪೆರಾ ಗೆಲ್ಲಲಿಲ್ಲ. ರೊಸ್ಸೀನಿ 1868ರಲ್ಲಿ ತೀರಿಕೊಂಡ. ಅಲ್ಲಿಯವರೆಗೂ ಯಾರೂ ಇದನ್ನು ಮತ್ತೆ ರಂಗಕ್ಕೆ ತರಲಿಲ್ಲ. 1977ರಲ್ಲಿ ಸಿಯೆನಾದಲ್ಲಿ ಕಛೇರಿಯ ರೂಪದಲ್ಲಿ ಹಾಡಿದರು. 1987ರಲ್ಲಿ ರೊಸ್ಸೀನಿ ಹುಟ್ಟಿದ ಊರು ಪೆಸರೊದಲ್ಲಿ, ಅವನ ಹೆಸರಿನ ಉತ್ಸವದಲ್ಲಿ, ರಂಗದ ಮೇಲೆ ಬಂತು.

ಇದು ಗ್ರೀಕ್ ಪುರಾಣದ ಕಥೆ. ಅಂಥ ಕಥೆಗೆ ಆಗ ಕಾಲ ಮುಗಿಯುತ್ತಾ ಬಂದಿತ್ತು ಅನ್ನಿಸುತ್ತದೆ ನನಗೆ. ನೋಡಿ, ಅದೇ 1819ರ ಅಕ್ಟೋಬರ್‌ನಲ್ಲಿ ಅದೇ ರೊಸ್ಸೀನಿ, ಅದೇ ಸಾನ್ ಕಾರ್ಲೊದಲ್ಲಿ, ಕೊಲ್ಬ್ರಾನ್, ಪಿಸರೋನಿ, ನೊತ್ಸಾರಿ, ದವಿದ್ ಎಲ್ಲರನ್ನೂ ಇಟ್ಟುಕೊಂಡು ‘ಲಾ ದೊನ್ನಾ ದೆಲ್ ಲಾಗೊ’ ಕೊಟ್ಟ. ಅದು ವಾಲ್ಟರ್ ಸ್ಕಾಟ್‌ನ ಕಾವ್ಯದ ಕಥೆ. ಸ್ಕಾಟ್ಲೆಂಡಿನ ಸರೋವರ, ಬೆಟ್ಟ, ಬೇಟೆಗಾರರು. ಅದು ಗೆದ್ದಿತು, ಊರೂರು ಸುತ್ತಿತು. ಮುಂದೆ ಇಟಲಿಯ ಒಪೆರಾ ಸ್ಕಾಟ್, ಷಿಲ್ಲರ್, ಹ್ಯೂಗೊ ಕಡೆಗೇ ಹೊರಳಿತು. ವೆರ್ದಿ ಅಷ್ಟೊಂದು ಒಪೆರಾ ಬರೆದರೂ ಗ್ರೀಕ್ ಪುರಾಣದ ಕಥೆ ಮುಟ್ಟಲೇ ಇಲ್ಲ.

ಕಥೆ ಗೊತ್ತಿಲ್ಲದೆ ಕೋರಸ್ ಹಾಡಲು ಆಗುವುದಿಲ್ಲ. ಆಗುತ್ತದೆ ಅನ್ನುವವರಿದ್ದಾರೆ, ಅವರ ಹಾಡು ಕೇಳಿದರೆ ಗೊತ್ತಾಗಿಬಿಡುತ್ತದೆ. ಟ್ರಾಯ್ ಯುದ್ಧ ಮುಗಿದಿದೆ. ಟ್ರಾಯ್‌ನ ರಾಜಕುಮಾರ ಹೆಕ್ಟರ್‌ನ ಹೆಂಡತಿ ಆಂದ್ರೊಮಾಕಾ ಈಗ ಪಿರ್ರೊ ಎಂಬ ರಾಜನ ಸೆರೆಯಲ್ಲಿದ್ದಾಳೆ. ಈ ಪಿರ್ರೊ ಯಾರು? ಹೆಕ್ಟರ್‌ನನ್ನು ಕೊಂದ ಅಕಿಲೀಸ್‌ನ ಮಗ. ಅವನಿಗೆ ಮದುವೆ ನಿಶ್ಚಯವಾಗಿರುವುದು ಎರ್ಮೀಯೊನೆ ಜೊತೆ, ಆಕೆ ಟ್ರಾಯ್ ಯುದ್ಧಕ್ಕೆ ಕಾರಣಳಾದ ಹೆಲೆನ್‌ಳ ಮಗಳು. ಆದರೆ ಅವನ ಮನಸ್ಸು ಆಂದ್ರೊಮಾಕಾ ಮೇಲೆ. ಎರ್ಮೀಯೊನೆಗೆ ಪಿರ್ರೊ ಬೇಕು. ಅಗಮೆಮ್ನನ್‌ನ ಮಗ ಒರೆಸ್ತೆಗೆ ಎರ್ಮೀಯೊನೆ ಬೇಕು. ಆಂದ್ರೊಮಾಕಾಗೆ ಸತ್ತ ಗಂಡನೊಬ್ಬನೇ ಸಾಕು, ಪುಟ್ಟ ಮಗ ಬದುಕಿದರೆ ಸಾಕು. ಹೀಗೆ ಒಬ್ಬರ ಬೆನ್ನ ಹಿಂದೆ ಒಬ್ಬರು. ಕೊನೆಗೆ ಎರ್ಮೀಯೊನೆ ಒರೆಸ್ತೆಯ ಕೈಗೆ ಕಠಾರಿ ಕೊಟ್ಟು ಪಿರ್ರೊನನ್ನು ಕೊಲ್ಲಿಸುತ್ತಾಳೆ. ಕೊಂದು ಬಂದವನನ್ನೇ ‘ಯಾಕೆ ಕೊಂದೆ’ ಎಂದು ಶಪಿಸುತ್ತಾಳೆ. ಒಪೆರಾದ ಸಾಹಿತ್ಯಕಾರ ತೊತ್ತೊಲಾ ಇದನ್ನು ಬರೆದದ್ದು 1667ರ ರಾಸೀನ್‌ನ ಫ್ರೆಂಚ್ ನಾಟಕ ಇಟ್ಟುಕೊಂಡು.

ಇದರಲ್ಲಿ ಕೋರಸ್ ಎಲ್ಲಿದೆ? ಎಲ್ಲ ಕಡೆ. ಪೀಠಿಕೆಯಲ್ಲಿ ನಾವು ಸೆರೆಯಾಳುಗಳು. ಸ್ವಲ್ಪ ಹೊತ್ತಿನಲ್ಲೇ ಪಿರ್ರೊನ ಆಸ್ಥಾನದ ದೊಡ್ಡ ಮನುಷ್ಯರು. ಅದೇ ಬಾಯಿ, ಅದೇ ಕರೀ ಷರ್ಟು. ವೇಷ ಇದ್ದರೆ ಬಟ್ಟೆ ಬದಲಾಯಿಸಬಹುದು, ಕಛೇರಿಯಲ್ಲಿ ದನಿಯನ್ನೇ ಬದಲಾಯಿಸಬೇಕು. ನಮ್ಮ ಮಾಯೆಸ್ತ್ರೊ, ಅಂದರೆ ಕೋರಸ್ ನಡೆಸುವವರು, ಇದಕ್ಕೆ ಒಂದು ಸುಲಭ ದಾರಿ ಹೇಳಿದರು. ಸೆರೆಯಾಳಾಗಿದ್ದಾಗ ಸ್ವರಗಳನ್ನು ಒಂದಕ್ಕೊಂದು ಅಂಟಿಸಿ ಹಾಡಿ, ಉಸಿರು ಕಾಣಿಸಬಾರದು. ದರ್ಬಾರಿನವರಾದಾಗ ವ್ಯಂಜನ ಗಟ್ಟಿಯಾಗಲಿ, ಪದ ಪದ ಬಿಡಿಯಾಗಿ ಬೀಳಲಿ. ಮುಖಭಾವದ ಗೊಡವೆಯೇ ಬೇಡ ಅಂದರು. ಅದು ನಿಜಕ್ಕೂ ಕೆಲಸ ಮಾಡಿತು.

ಅವರ ಇನ್ನೊಂದು ಕ್ರಮ: ಮಾತು ಮೊದಲು, ಸ್ವರ ಆಮೇಲೆ. ಮೊದಲ ಕೆಲವು ಸಂಜೆ ನಾವು ಹಾಡಲೇ ಇಲ್ಲ. ಸಾಹಿತ್ಯವನ್ನು ತಾಳಕ್ಕೆ ಸರಿಯಾಗಿ ಸುಮ್ನೆ ಮಾತಿನಂತೆ ಓದಿದೆವು. ಇಲ್ಲಿ ನನಗೆ ಒಂದು ಲಾಭ ಇತ್ತು. ಇಟಾಲಿಯನ್ ಸಾಹಿತ್ಯವನ್ನು ನಾನು ಕನ್ನಡ ಲಿಪಿಯಲ್ಲಿ ಬರೆದುಕೊಂಡೆ. ಪಕ್ಕದಲ್ಲಿ ನಿಲ್ಲುವ ಹಿರಿಯರೊಬ್ಬರು ನನ್ನ ಪುಸ್ತಕ ನೋಡಿ ‘ಇದೇನು, ಗುಟ್ಟಿನ ಬರಹವಾ?’ ಎಂದು ನಕ್ಕರು. ಆದರೆ ಈ ಕೆಲಸಕ್ಕೆ ಕನ್ನಡ ಲಿಪಿಯಷ್ಟು ಒಳ್ಳೆಯದು ಬೇರೆ ಇಲ್ಲ. ಇಟಾಲಿಯನ್ನಿನ ‘ತ’ ನಮ್ಮ ‘ತ’ ಥರವೇ, ನಾಲಿಗೆ ಹಲ್ಲಿಗೆ ತಾಗಬೇಕು. ಅದು ‘ಟ್ರೋಯಾ’ ಅಲ್ಲ, ‘ತ್ರೋಯಾ’. ಇಂಗ್ಲಿಷ್ ಅಕ್ಷರ ನೋಡಿ ಓದಿದರೆ ನಮ್ಮ ಬಾಯಿಗೆ ತಾನಾಗಿ ‘ಟ’ ಬಂದುಬಿಡುತ್ತದೆ, ಕನ್ನಡದಲ್ಲಿ ಬರೆದರೆ ಆ ತಾಪತ್ರಯ ಇಲ್ಲ. ಒತ್ತಕ್ಷರವಂತೂ ವರ. ಹೆಕ್ಟರ್ ಇಲ್ಲಿ ‘ಎತ್ತೊರೆ’, ಅವನ ಮಗ ‘ಆಸ್ತ್ಯನಾತ್ತೆ’, ಸೇಡು ‘ವೆಂದೆತ್ತಾ’. ನಮ್ಮ ಗುಂಪಿನಲ್ಲಿ ಒಬ್ಬ ಇಂಗ್ಲಿಷ್‌ನವರಿದ್ದಾರೆ, ಅವರಿಗೆ ಈ ಒತ್ತು ಹಿಡಿಯಲು ಜಾಸ್ತಿ ದಿನ ಬೇಕಾಯಿತು. ಕನ್ನಡದವರಿಗೆ ‘ಕತೆ’ ಬೇರೆ, ‘ಕತ್ತೆ’ ಬೇರೆ ಎಂದು ಯಾರೂ ಹೇಳಿಕೊಡಬೇಕಿಲ್ಲ.

ಶಾಲೆಯಲ್ಲಿ ಬಾಯಿಪಾಠ ಮಾಡಿ ಮರೆತಿದ್ದ ‘ಞ’ ಅಕ್ಷರಕ್ಕೂ ಕೊನೆಗೆ ಕೆಲಸ ಸಿಕ್ಕಿತು. ಕನಸು ‘ಸೊಞ್ಞೊ’, ರಾಜ್ಯ ‘ರೆಞ್ಞೊ’. ಕಷ್ಟವಾದದ್ದು ‘ತ್ಸ’ ಸದ್ದು. ಮರಾಠಿ ಬಲ್ಲ ಬೆಳಗಾವಿ ಕಡೆಯವರಿಗೆ ಅದು ಸಲೀಸು. ನಾನು ಮೈಸೂರು ಕಡೆಯವನು, ಬಾಯಿ ತಿರುಗಲು ಹೊತ್ತು ಹಿಡಿಯಿತು.

ಇನ್ನೊಂದು ವಿಷಯ ಸ್ವರಾಕ್ಷರಗಳು ಕೂಡುವುದು. ಓವರ್ಚರ್‌ನಲ್ಲಿ ನಮ್ಮ ಮೊದಲ ಸಾಲು ‘ತ್ರೋಯಾ! ಕ್ವಾಲ್ ಫೋಸ್ತಿ ಉನ್ ದೀ’. ಬರೆದಾಗ ಏಳು ಅಕ್ಷರ ಕಾಣುತ್ತವೆ, ಹಾಡುವಾಗ ಆರು. ‘ಫೋಸ್ತಿ’ಯ ‘ಇ’ ಮತ್ತು ‘ಉನ್’ನ ‘ಉ’ ಎರಡೂ ಹಾಡಿನ ಒಂದೇ ಸ್ವರದೊಳಗೆ ಕೂರಬೇಕು. ನಮ್ಮ ಲೋಪಸಂಧಿಯಲ್ಲಾದರೆ ಒಂದು ಸ್ವರಾಕ್ಷರ ಹೊರಟೇ ಹೋಗುತ್ತದೆ. ಇಲ್ಲಿ ಎರಡೂ ಕೇಳಬೇಕು, ಆದರೆ ಜಾಗ ಒಂದೇ. ನಾನು ಅಂಥ ಕಡೆಯೆಲ್ಲ ಕೆಳಗೊಂದು ಕಮಾನು ಗೆರೆ ಎಳೆದುಕೊಂಡೆ.

ಸಂಗೀತದ ಸ್ವರಕ್ಕೆ ಬಂದಾಗ ಲಾಭ ಮುಗಿದು ನಷ್ಟ ಶುರುವಾಯಿತು. ಚಿಕ್ಕಂದಿನಲ್ಲಿ ನಾನು ಕರ್ನಾಟಕ ಸಂಗೀತ ಕಲಿತಿದ್ದೆ. ಜಾಸ್ತಿ ಏನಲ್ಲ, ಸರಳೆ, ಜಂಟಿ, ಕೆಲವು ಗೀತೆ. ನಮ್ಮ ‘ಸ’ ಎಲ್ಲಿ ಬೇಕಾದರೂ ಕೂರುತ್ತದೆ, ಹಾಡುವವರ ಶ್ರುತಿಗೆ ತಕ್ಕಂತೆ. ಇಟಲಿಯಲ್ಲಿ ‘ದೊ’ ಕದಲುವುದೇ ಇಲ್ಲ. ಪಿಯಾನೊದಲ್ಲಿ ಅದಕ್ಕೊಂದು ಮನೆ ಇದೆ, ಯಾವ ಹಾಡಾದರೂ ಅಲ್ಲೇ. ನನ್ನ ಕಿವಿ ಮಾತ್ರ ಪ್ರತಿ ಹಾಡಿನಲ್ಲೂ ಮನೆಯ ಸ್ವರ ಹುಡುಕಿ ಅದಕ್ಕೆ ‘ಸ’ ಅನ್ನುತ್ತಿತ್ತು. ಹಾಡು ನಡುವೆ ಬೇರೆ ಶ್ರುತಿಗೆ ಜಿಗಿದಾಗ, ರೊಸ್ಸೀನಿ ಅದನ್ನು ಬಹಳ ಮಾಡುತ್ತಾನೆ, ನನ್ನ ‘ಸ’ ಕೂಡ ಜೊತೆಗೆ ಜಿಗಿಯಬೇಕಿತ್ತು. ಕೊನೆಗೆ ನಾನು ‘ದೊ ರೆ ಮಿ’ ಹೇಳುವುದನ್ನೇ ಬಿಟ್ಟೆ. ಶ್ರುತಿ ಬದಲಾಗುವ ಪ್ರತಿ ಜಾಗದಲ್ಲಿ ಪೆನ್ಸಿಲ್‌ನಿಂದ ಹೊಸ ‘ಸ’ ಗುರುತು ಹಾಕಿದೆ. ಬೇರೆಯವರು ‘ಫಾ’ ಅನ್ನುವುದನ್ನು ನಾನು ಮನಸ್ಸಿನಲ್ಲೇ ‘ಪ’ ಅನ್ನುತ್ತಿದ್ದೆ. ಹೊರಗೆ ಬಂದ ಸದ್ದು ಒಂದೇ, ಅಲ್ವಾ?

ಗಮಕದ ಅಭ್ಯಾಸವೂ ಇದೆ. ಕೆಳಗಿನಿಂದ ಜಾರಿ ಸ್ವರ ಮುಟ್ಟುವುದು ನಮಗೆ ಅಂದ, ಕೋರಸ್‌ನಲ್ಲಿ ತೊಂದರೆ. ನಾಲ್ಕು ಬಾಸ್‌ಗಳಲ್ಲಿ ಒಬ್ಬ ಜಾರಿದರೂ ಎಲ್ಲರ ಸ್ವರವೂ ಮಸುಕಾಗುತ್ತದೆ. ಇದಕ್ಕೆ ಮದ್ದು ಉಸಿರಿನಲ್ಲಿದೆ. ಉಸಿರು ಎಳೆದುಕೊಳ್ಳುವಾಗಲೇ ಮುಂದಿನ ಸ್ವರವನ್ನು ಮನಸ್ಸಿನಲ್ಲಿ ಕೇಳಿಸಿಕೊಳ್ಳಬೇಕು. ಆಗ ಜಾರಲು ಸಮಯವೇ ಇರುವುದಿಲ್ಲ.

ಈಗ ಪರದೆಯ ಹಿಂದಿನ ಹಾಡು. ಪರದೆ ಇಲ್ಲದ ಸಭಾಂಗಣ ಅದು. ಹಾಗಾಗಿ ಓವರ್ಚರ್ ಹೊತ್ತಿಗೆ ನಮ್ಮನ್ನು ಪಕ್ಕದ ಓಣಿಯಲ್ಲಿ ನಿಲ್ಲಿಸಿ ಬಾಗಿಲು ಅರ್ಧ ತೆರೆದಿಟ್ಟರು. ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. 20 ಮೀಟರ್ ದೂರದ ಪಿಯಾನೊ ಕೇಳಿ ಹಾಡಿದರೆ ಅಷ್ಟರಲ್ಲೇ ತಡ. ನಮ್ಮ ದನಿ ಮತ್ತೆ 20 ಮೀಟರ್ ಹೋಗಿ ಕೇಳುಗರನ್ನು ಮುಟ್ಟಬೇಕು. ಎರಡೂ ಸೇರಿ ಸೆಕೆಂಡಿನ ಎಂಟನೇ ಒಂದು ಭಾಗದ ಹತ್ತಿರ ಆಗುತ್ತದೆ. ಕಾಗದದ ಮೇಲೆ ಚಿಕ್ಕದು, ಕಿವಿಗೆ ಚಿಕ್ಕದಲ್ಲ. ಯಾರೋ ಮೊಬೈಲ್ ವಿಡಿಯೊ ಕರೆ ಮಾಡಿ ಮಾಯೆಸ್ತ್ರೊ ಕೈ ನೋಡೋಣ ಅಂದರು. ಅದು ಇನ್ನೂ ತಡ. ಕೊನೆಗೆ ಹಳೆಯ ಉಪಾಯವೇ ನಿಂತಿತು. ಸಹಾಯಕಿಯೊಬ್ಬರು ಬಾಗಿಲ ಸಂದಿಯಲ್ಲಿ ನಿಂತು ಮಾಯೆಸ್ತ್ರೊ ಕೈ ನೋಡಿ ನಮಗೆ ತಾಳ ಹಾಕಿದರು. ನಾವು ಕಿವಿ ನಂಬದೆ ಅವರ ಕೈ ನಂಬಿ, ಪಿಯಾನೊಗಿಂತ ಒಂದು ಎಳೆ ಮುಂದೆ ಹಾಡಿದೆವು. ಓಣಿಯಲ್ಲಿ ಅದು ಕೆಟ್ಟದಾಗಿ ಕೇಳಿತು. ಒಳಗೆ ಕುಳಿತವರಿಗೆ ಸರಿಯಾಗಿ ಕೇಳಿತು. ದೂರದಿಂದ ಮೆಲ್ಲಗೆ ಹಾಡುವಾಗ ಶ್ರುತಿ ಇಳಿಯುವ ಅಪಾಯವೂ ಇದೆ. ಅದಕ್ಕೆ ನಾವು ಮೆಲ್ಲಗೆ ಹಾಡಲೇ ಇಲ್ಲ. ಗಟ್ಟಿಯಾಗಿ ಹಾಡಿದೆವು, ಮೆಲ್ಲಗೆ ಮಾಡಿದ್ದು ಬಾಗಿಲು.

ಎರಡನೇ ಅಂಕದಲ್ಲಿ ಎರ್ಮೀಯೊನೆಯ ದೊಡ್ಡ ದೃಶ್ಯ ಇದೆ. ಈ ಒಪೆರಾ ಬದುಕಿರುವುದೇ ಅದಕ್ಕಾಗಿ ಎನ್ನುತ್ತೇನೆ ನಾನು. ಆ ಕಾಲದ ರೂಢಿಯಲ್ಲಿ ನಾಯಕಿ ಮೊದಲು ನಿಧಾನದ ಹಾಡು ಹಾಡುತ್ತಾಳೆ, ನಡುವೆ ಏನೋ ಸುದ್ದಿ ಬರುತ್ತದೆ, ಆಮೇಲೆ ‘ಕಬಲೆತ್ತಾ’ ಎಂಬ ವೇಗದ ಹಾಡು. ಅದು ಎರಡು ಸಲ. ಎರಡರ ನಡುವೆ ಕೋರಸ್ ನಾಲ್ಕು ಮಾತು ಹಾಡಿ ಆಕೆಗೆ ಉಸಿರಾಡಲು ಬಿಡುವು ಕೊಡುತ್ತದೆ. ಬಹಳ ಒಪೆರಾಗಳಲ್ಲಿ ನಮ್ಮ ಕೆಲಸ ಅಷ್ಟೇ. ಇಲ್ಲಿ ಹಾಗಲ್ಲ. ಆಕೆಯ ದುಃಖ ಒಂದು ನೆಲೆಗೆ ಬರುವ ಮುಂಚೆಯೇ ಪಿರ್ರೊ ಮತ್ತು ಆಂದ್ರೊಮಾಕಾ ಮದುವೆಯ ಮೆರವಣಿಗೆಯ ಸಂಗೀತ ನುಗ್ಗುತ್ತದೆ. ಅದನ್ನು ಮೋರೆ ಸಿಂಡರಿಸದೆ, ಖುಷಿಯಾಗಿಯೇ ಹಾಡಬೇಕು. ಆಕೆಯ ಸಂಕಟ ನಮಗೆ ಗೊತ್ತೇ ಇಲ್ಲ ಎಂಬಂತೆ. ತಾಲೀಮಿನಲ್ಲಿ ನಾವೆಲ್ಲ ಪಾಪ ಅನ್ನಿಸಿ ಸ್ವಲ್ಪ ತಗ್ಗಿಸಿ ಹಾಡಿದೆವು. ಮಾಯೆಸ್ತ್ರೊ ಪಿಯಾನೊ ನಿಲ್ಲಿಸಿದರು. ‘ನೀವು ಮದುವೆಗೆ ಬಂದಿದ್ದೀರಿ, ಸಾವಿಗಲ್ಲ’ ಅಂದರು. ಆಮೇಲೆ ಜೋರಾಗಿ, ನಗುತ್ತಾ ಹಾಡಿದೆವು. ಎರ್ಮೀಯೊನೆ ಹಾಡುತ್ತಿದ್ದ ಹುಡುಗಿಯ ಮುಖ ನಿಜಕ್ಕೂ ಗಡುಸಾಯಿತು. ಕಠಾರಿ ಕೊಡುವ ಮಾತು ಆಗ ಸಹಜವಾಗಿ ಬಂತು.

ಈ ಊರಿಗೂ ಇದಕ್ಕೂ ನಂಟಿದೆ. ರೊಸ್ಸೀನಿ ಓದಿದ್ದು ಬೊಲೊನ್ಯಾದ ಸಂಗೀತ ಶಾಲೆಯಲ್ಲಿ. 1822ರಲ್ಲಿ ಅವನು ಕೊಲ್ಬ್ರಾನ್‌ಳನ್ನು ಮದುವೆಯಾದದ್ದು ಪಕ್ಕದ ಕಾಸ್ತೆನಾಸೊದಲ್ಲಿ. ಮುಂದೆ ಬೇರೆಯಾದರು. 1845ರಲ್ಲಿ ತೀರಿಕೊಂಡ ಆಕೆಯ ಸಮಾಧಿ ಇಲ್ಲಿನ ಚೆರ್ತೋಸಾ ಸ್ಮಶಾನದಲ್ಲಿದೆ, ರೊಸ್ಸೀನಿಯ ತಂದೆತಾಯಿ ಜೊತೆ. ಇನ್ನೂ ಒಂದು ತಮಾಷೆ. ಬೊಯ್ತೊ ಎಂಬ ಸಂಗೀತಗಾರನ ಒಪೆರಾ ‘ಮೆಫಿಸ್ತೋಫೆಲೆ’ 1868ರಲ್ಲಿ ಮಿಲಾನ್‌ನಲ್ಲಿ ಬಿದ್ದುಹೋಗಿ, ತಿದ್ದಿ ಬರೆದ ಮೇಲೆ 1875ರಲ್ಲಿ ಗೆದ್ದದ್ದು ಇದೇ ಬೊಲೊನ್ಯಾದಲ್ಲಿ. ಅದರಲ್ಲಿ ಹೆಲೆನ್ ಬರುತ್ತಾಳೆ, ಟ್ರಾಯ್ ಉರಿದದ್ದನ್ನು ನೆನೆಯುತ್ತಾಳೆ. ನೇಪಲ್ಸ್‌ನಲ್ಲಿ ಮಗಳು ಸೋತಳು, ಬೊಲೊನ್ಯಾದಲ್ಲಿ ತಾಯಿ ಗೆದ್ದಳು!

ಕೇಳಬೇಕು ಅನ್ನಿಸಿದವರಿಗೆ ಒಂದು ಮಾತು. ಮೊದಲಿನಿಂದ ಶುರುಮಾಡಬೇಡಿ. ಓವರ್ಚರ್ ಕೇಳಿ, ನೇರ ಎರಡನೇ ಅಂಕದ ಈ ದೊಡ್ಡ ದೃಶ್ಯಕ್ಕೆ ಹೋಗಿ. ಇಟಾಲಿಯನ್ ಸಾಹಿತ್ಯ ಮುಂದೆ ಇಟ್ಟುಕೊಳ್ಳಿ, ಅರ್ಥ ಪೂರ್ತಿ ಆಗದಿದ್ದರೂ ಪರವಾಗಿಲ್ಲ. 1987ರ ಪೆಸರೊ ಪ್ರದರ್ಶನದಲ್ಲಿ ಮೊನ್ಸೆರಾತ್ ಕಬಾಯೆ ಎರ್ಮೀಯೊನೆ, ಮೆರಿಲಿನ್ ಹಾರ್ನ್ ಆಂದ್ರೊಮಾಕಾ. 1995ರಲ್ಲಿ ಇಂಗ್ಲೆಂಡಿನ ಗ್ಲೈಂಡ್‌ಬೋರ್ನ್‌ನಲ್ಲಿ ಆನ್ನಾ ಕತೆರೀನಾ ಆಂತೊನಾಚ್ಚಿ ಎರ್ಮೀಯೊನೆ ಆಗಿದ್ದರು. ನನಗೆ ಇಷ್ಟ ಆಂತೊನಾಚ್ಚಿ. ದನಿ ಅಷ್ಟು ನುಣುಪಲ್ಲ, ಆದರೆ ಪ್ರತಿ ಒತ್ತಕ್ಷರವೂ ಕೇಳುತ್ತದೆ.