ಬದುವಿನ ಜಗಳ ಮಚ್ಚಿನವರೆಗೆ ಹೋಗದಂತೆ ನೋಡಿಕೊಳ್ಳುವುದು ಹೇಗೆ

ಹದ್ದುಬಸ್ತಿಗೆ, ಅಂದರೆ ಜಮೀನು ಅಳೆದು ಎಲ್ಲೆ ಗುರುತಿಸಿಕೊಡಿ ಎಂದು ಸರ್ವೆ ಇಲಾಖೆಗೆ, ಅರ್ಜಿ ಹಾಕಬೇಕೆಂದು ಹೊರಟವರು, ಅಣ್ಣತಮ್ಮಂದಿರ ನಡುವೆ ನ್ಯಾಯ ಹೇಳಲು ಕರೆಸಿಕೊಂಡವರು, ಊರಿನ ಜಮೀನಿನ ತಕರಾರನ್ನು ಬೆಂಗಳೂರಿನಲ್ಲಿ ಕೂತು ಫೋನಿನಲ್ಲೇ ನಡೆಸುತ್ತಿರುವವರು, ಇವರಿಗಾಗಿ ಬರೆಯುತ್ತಿದ್ದೇನೆ. ತುಮಕೂರು, ಹಾಸನ ಸೀಮೆಯಲ್ಲಿ ಸರ್ಕಾರಿ ಸರ್ವೆಯರ್ ಆಗಿದ್ದು ನಿವೃತ್ತನಾದವನು ನಾನು. ಸರಪಳಿ ಎಳೆದು ಅಳೆದಿದ್ದೇನೆ, ಉಪಗ್ರಹದ ಸಿಗ್ನಲ್ ಹಿಡಿಯುವ ರೋವರ್ ಬಂದದ್ದನ್ನೂ ಕಂಡಿದ್ದೇನೆ. ಅಳತೆ ಎಷ್ಟು ನಿಖರವಾದರೂ ಬದುವಿನ ಮೇಲಿನ ಹೊಡೆದಾಟ ಅದರಿಂದ ನಿಂತದ್ದನ್ನು ಕಾಣಲಿಲ್ಲ. ಯಾಕೆಂದು ತಿಳಿಯಲು ಮನಶ್ಶಾಸ್ತ್ರದ ಪುಸ್ತಕಗಳನ್ನು ಓದಲು ಶುರುಮಾಡಿದೆ. ಓದಿದ್ದರಲ್ಲಿ ಹೊಲದಲ್ಲಿ ಉಪಯೋಗಕ್ಕೆ ಬಂದದ್ದನ್ನಷ್ಟೇ ಇಲ್ಲಿ ಹೇಳುತ್ತೇನೆ.

ಮೊದಲು ಲೆಕ್ಕ. 330 ಅಡಿ ಉದ್ದದ ಬದು ನಿಮ್ಮ ಕಡೆಗೆ ಒಂದು ಅಡಿ ಸರಿದಿದೆ ಎಂದುಕೊಳ್ಳಿ. ಹೋದದ್ದು 330 ಚದರ ಅಡಿ. ಗುಂಟೆಗೆ 1089 ಚದರ ಅಡಿ, ಹದಿನಾರು ಆಣೆ ಸೇರಿದರೆ ಒಂದು ಗುಂಟೆ. ಅಂದರೆ ಐದು ಆಣೆ ಜಾಗವೂ ಇಲ್ಲ. ಎಕರೆಗೆ ಹತ್ತು ಕ್ವಿಂಟಲ್ ರಾಗಿ ಬರುವ ಹೊಲವಾದರೂ ಆ ಜಾಗದ ಬೆಳೆ ಏಳೆಂಟು ಕೆಜಿ. ಇಷ್ಟಕ್ಕೆ ಜನ ತಲೆ ಒಡೆದುಕೊಂಡಿದ್ದಾರೆ, ಮಕ್ಕಳ ಕಾಲದವರೆಗೂ ಕೋರ್ಟಿಗೆ ಅಲೆದಿದ್ದಾರೆ. ಇದನ್ನು ದುರಾಸೆ ಅನ್ನುವವರನ್ನು ನಾನು ಒಪ್ಪುವುದಿಲ್ಲ. ದುರಾಸೆಯವನು ಲೆಕ್ಕ ಹಾಕುತ್ತಾನೆ, ಲೆಕ್ಕ ಹಾಕಿದವನು ಏಳು ಕೆಜಿ ರಾಗಿಗೆ ವಕೀಲರ ಫೀಸು ಕಟ್ಟುವುದಿಲ್ಲ. ‘ನನ್ನನ್ನೊಂದು ಮಾತು ಕೇಳಲಿಲ್ಲ’, ‘ಊರವರೆದುರು ನನ್ನನ್ನು ಲೆಕ್ಕಕ್ಕಿಲ್ಲದವನ ಹಾಗೆ ಮಾಡಿದ’, ಜಗಳ ಇರುವುದು ಇಲ್ಲಿ. ಇದು ಇಳಿಯದೆ ಸರ್ವೆಯರ್ ಬಂದರೆ, ಅವನು ನೆಟ್ಟ ಕಲ್ಲು ಆ ರಾತ್ರಿಯೇ ಹೋಗುತ್ತದೆ. ಆದ್ದರಿಂದ ಕೆಲಸದ ಹೆಚ್ಚಿನ ಪಾಲು ಅಳತೆಗೆ ಮುಂಚೆಯೇ ಆಗಬೇಕು.

ಅರ್ಜಿ ಹಾಕುವ ಮುಂಚೆ

ಒಂದು ಹಾಳೆ ತೆಗೆದು ನಡುವೆ ಗೆರೆ ಎಳೆಯಿರಿ. ಎಡಗಡೆ ನಿಮ್ಮ ಕಣ್ಣಿಗೆ ಬಿದ್ದದ್ದನ್ನು ಮಾತ್ರ ಬರೆಯಿರಿ. ಬಾಂದು ಕಲ್ಲು ಇದ್ದ ಜಾಗದಲ್ಲಿ ಇಲ್ಲ. ಬದುವಿನ ಮಣ್ಣು ಹೊಸದಾಗಿ ಕೊಚ್ಚಿದೆ. ಟ್ರಾಕ್ಟರ್ ಗಾಲಿಯ ಗುರುತಿದೆ. ಬಲಗಡೆ, ಅದು ಯಾಕಾಯಿತು ಎಂದು ನೀವು ಅಂದುಕೊಂಡದ್ದನ್ನು ಬರೆಯಿರಿ. ‘ಬೇಕಂತಲೇ ಕಿತ್ತಿದಾನೆ. ನಾನು ಊರಲ್ಲಿಲ್ಲ ಅಂತ ನೋಡ್ಕೊಂಡೇ ಮಾಡಿದಾನೆ. ಅವರಪ್ಪನೂ ಹಿಂಗೇ.’ ನಿಮಗೆ ನಿದ್ದೆ ಕೆಡಿಸಿರುವುದೆಲ್ಲ ಬಲಗಡೆಯೇ ಇರುತ್ತದೆ, ಮತ್ತು ಅದರಲ್ಲಿ ಒಂದನ್ನೂ ನೀವು ಕಂಡಿಲ್ಲ.

ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಲೀ ರಾಸ್ ಎಂಬ ಮನಶ್ಶಾಸ್ತ್ರಜ್ಞ 1977ರಲ್ಲಿ ಈ ವಾಲಿಕೆಗೊಂದು ಹೆಸರು ಕೊಟ್ಟರು. ಬೇರೆಯವರ ನಡತೆಗೆ ಕಾರಣ ಹುಡುಕುವಾಗ ಮನುಷ್ಯ ಅವರ ಸ್ವಭಾವವನ್ನೇ ದೊಡ್ಡದು ಮಾಡುತ್ತಾನೆ, ಅವರಿದ್ದ ಸಂದರ್ಭವನ್ನು ಸಣ್ಣದು ಮಾಡುತ್ತಾನೆ. ನಮ್ಮ ಕಡೆ ಬದು ಸರಿಯಲು ಸಂದರ್ಭಗಳಿಗೆ ಬರವಿಲ್ಲ. ಬಾಡಿಗೆ ಟ್ರಾಕ್ಟರಿನ ಹುಡುಗನಿಗೆ ಎಲ್ಲೆ ಗೊತ್ತಿರುವುದಿಲ್ಲ, ಹೊಲದ ತುದಿಯಲ್ಲಿ ರೋಟವೇಟರ್ ತಿರುಗಿಸುವಾಗ ಬದುವನ್ನು ಸವರಿಕೊಂಡು ಹೋಗುತ್ತಾನೆ. ಇಳಿಜಾರಿನ ಹೊಲದಲ್ಲಿ ಜೋರು ಮಳೆ ಬಂದರೆ ಬದು ಕೊಚ್ಚಿ ಕೆಳಗಿಳಿಯುತ್ತದೆ. ಪೈಪು ಹೂಳಲು ಬಂದ ಜೆಸಿಬಿ ಕಲ್ಲನ್ನು ಎತ್ತಿ ಪಕ್ಕಕ್ಕಿಟ್ಟು ಮರೆಯುತ್ತದೆ. ಬೇಕೆಂದೇ ಕೀಳುವವರೂ ಇದ್ದಾರೆ, ಅದು ನನಗೆ ಚೆನ್ನಾಗಿ ಗೊತ್ತು. ಆದರೆ ಯಾವುದೆಂದು ಕೇಳದೆ ತಿಳಿಯುವುದಿಲ್ಲ.

ಕೇಳುವ ರೀತಿ ಮುಖ್ಯ. ಫೋನಿನಲ್ಲಿ ಬೇಡ, ಮನೆಯವರ ವಾಟ್ಸಾಪ್ ಗುಂಪಿನಲ್ಲಿ ಖಂಡಿತ ಬೇಡ, ಅರಳಿಕಟ್ಟೆಯ ಮೇಲೆ ನಾಲ್ಕು ಜನ ಕೂತಿರುವಾಗಲೂ ಬೇಡ. ಒಬ್ಬರೇ ಇರುವಾಗ ಹೋಗಿ. ‘ಅಣ್ಣ, ಬದು ಒಂಚೂರು ಈ ಕಡೆ ಬಂದಂಗೆ ಕಾಣ್ತದೆ. ಉಳೋವಾಗ ಹಂಗಾಯ್ತೇನೋ. ಒಂದ್ಸಲ ಇಬ್ರೂ ಹೋಗಿ ನೋಡಾಣ್ವ?’ ಈ ಮಾತಿನಲ್ಲಿ ಅಣ್ಣನಿಗೆ ಒಂದು ದಾರಿ ಇದೆ. ಬೇಕೆಂದೇ ಮಾಡಿದ್ದರೂ ‘ಹೂಂ ಕಣೋ, ಟ್ರಾಕ್ಟರ್‌ನೋನು ಮಾಡಿರ್ಬೇಕು’ ಎಂದು ಮರ್ಯಾದೆ ಉಳಿಸಿಕೊಂಡು ಹಿಂದೆ ಸರಿಯಬಹುದು. ‘ಕಲ್ಲು ಯಾಕೆ ಕಿತ್ತೆ?’ ಎಂದರೆ ಅವನಿಗೆ ಉಳಿಯುವುದು ಎರಡೇ, ಕಳ್ಳ ಎಂದು ಒಪ್ಪುವುದು ಅಥವಾ ನಿಮ್ಮ ಮೇಲೆ ಬೀಳುವುದು.

ಕಾಗದಪತ್ರಗಳನ್ನು ಎರಡೆರಡು ಪ್ರತಿ ತೆಗೆಸಿ: ಪಹಣಿ, ಟಿಪ್ಪಣಿ (ಹಳೆಯ ಅಳತೆಯ ದಾಖಲೆ), ಆಕಾರ್‌ಬಂದ್ (ಸರ್ವೆ ನಂಬರಿನ ವಿಸ್ತೀರ್ಣದ ದಾಖಲೆ), ಪಾಲುಪಟ್ಟಿ. ಒಂದು ಪ್ರತಿ ಅವರ ಕೈಗೆ ಕೊಡಿ. ಒಬ್ಬನೇ ತೆಗೆಸಿ ಬೀರುವಿನಲ್ಲಿಟ್ಟ ಕಾಗದ, ಅದರಲ್ಲಿ ಏನೇ ಇರಲಿ, ಇನ್ನೊಬ್ಬನಿಗೆ ಪಿತೂರಿಯಾಗಿಯೇ ಕಾಣುತ್ತದೆ. ಜಂಟಿ ಪಹಣಿ ಇದ್ದು ಪೋಡಿ (ಒಬ್ಬೊಬ್ಬರ ಪಾಲನ್ನೂ ಅಳೆದು ಬೇರೆ ಹಿಸ್ಸಾ ನಂಬರ್ ಕೊಡುವುದು) ಆಗಿಲ್ಲದಿದ್ದರೆ ಮೊದಲು ಅದನ್ನು ಮಾಡಿಸಿ, ಕಾಗದದಲ್ಲಿ ಹಿಸ್ಸಾ ಬೇರೆಯಾಗದೆ ಒಳಗಿನ ಎಲ್ಲೆಯನ್ನು ಯಾರೂ ತೋರಿಸಲಾರರು. ಅಕ್ಕತಂಗಿಯರನ್ನು ಬಿಟ್ಟು ಮುಂದೆ ಹೋಗಬೇಡಿ. ಕರ್ನಾಟಕ 1994ರಲ್ಲೇ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಸಮಪಾಲಿನ ತಿದ್ದುಪಡಿ ತಂದಿತು, 2005ರಲ್ಲಿ ಕೇಂದ್ರದ ಕಾಯ್ದೆಯೂ ಬದಲಾಯಿತು. ಅವರನ್ನು ಕೇಳದೆ ಗಂಡಸರೇ ಕೂತು ಮುಗಿಸಿದ ರಾಜಿ ಅನ್ಯಾಯದ್ದು, ಬಾಳುವುದೂ ಇಲ್ಲ.

ಸಮಕ್ಕೆ ಸಮ ಮಾಡಲು ಹೋಗಬೇಡಿ

ಅವನು ನಿಮ್ಮ ತೆಂಗಿನ ಗರಿ ಕಡಿದ, ನೀವು ಅವನ ಗಾಡಿದಾರಿಗೆ ಮುಳ್ಳು ಹಾಕಿದಿರಿ. ಅವನು ಕಾಲುವೆ ಕಟ್ಟಿದ, ನೀವು ಪೈಪು ಒಡೆದಿರಿ. ಕೇಳಿದರೆ ಇಬ್ಬರೂ ‘ಅವನು ಮಾಡಿದ್ದಷ್ಟೇ ನಾನೂ ಮಾಡಿದ್ದು’ ಎಂದು ಆಣೆ ಇಟ್ಟು ಹೇಳುತ್ತಾರೆ. ಅವರು ಸುಳ್ಳು ಹೇಳುತ್ತಿಲ್ಲ ಎಂದು ನನಗೆ ತಿಳಿದದ್ದು ಲಂಡನ್ನಿನ ಯೂನಿವರ್ಸಿಟಿ ಕಾಲೇಜಿನ ಸಂಶೋಧಕರು 2003ರಲ್ಲಿ ಪ್ರಕಟಿಸಿದ ಒಂದು ಪ್ರಯೋಗದಿಂದ. ಇಬ್ಬರನ್ನು ಕೂರಿಸಿ ಒಬ್ಬರ ಬೆರಳನ್ನು ಇನ್ನೊಬ್ಬರು ಒಂದು ಯಂತ್ರದ ಮೂಲಕ ಒತ್ತುವಂತೆ ಮಾಡಿದರು. ನಿಮ್ಮ ಬೆರಳಿಗೆ ಎಷ್ಟು ಬಲ ಬಿತ್ತೋ ಅಷ್ಟನ್ನೇ ವಾಪಸು ಕೊಡಿ, ಅಷ್ಟೇ ನಿಯಮ. ಸರದಿಯಿಂದ ಸರದಿಗೆ ಬಲ ಸರಾಸರಿ ಶೇ. 38ರಷ್ಟು ಏರುತ್ತಾ ಹೋಯಿತು. ತಾನೇ ಹಾಕುವ ಬಲವನ್ನು ಮಿದುಳು ಕಡಿಮೆ ಮಾಡಿ ಅಳೆಯುತ್ತದೆ, ಮೇಲೆ ಬಿದ್ದದ್ದನ್ನು ಪೂರ್ತಿ ಅನುಭವಿಸುತ್ತದೆ. ಸಿಟ್ಟಿಲ್ಲದ, ದ್ವೇಷವಿಲ್ಲದ, ಪ್ರಾಮಾಣಿಕರಾದ ಇಬ್ಬರ ನಡುವೆಯೇ ಇಷ್ಟು! ದಾಯಾದಿಗಳ ನಡುವೆ ಎಷ್ಟು ವೇಗವಾಗಿ ಏರುತ್ತದೆಂದು ನೀವೇ ಯೋಚಿಸಿ.

ಹಾಗಾಗಿ ಅರ್ಜಿ ಹಾಕಿದ ದಿನದಿಂದ ತೀರ್ಮಾನವಾಗುವವರೆಗೆ ನೀರು, ದಾರಿ, ದನದ ಓಡಾಟ, ಈ ಮೂರನ್ನು ಇದ್ದ ಹಾಗೇ ಬಿಡಿ. ಅವರು ಮುಟ್ಟಿದರೂ ನೀವು ಮುಟ್ಟಬೇಡಿ. ಫೋಟೋ ತೆಗೆದು, ತಾರೀಖು ಬರೆದು ಇಟ್ಟುಕೊಳ್ಳಿ.

ಅಳತೆಯ ದಿನ

ಬೆಳಿಗ್ಗೆ ಬೇಗ ಶುರುವಾಗುವಂತೆ ಕೇಳಿಕೊಳ್ಳಿ. ಏಪ್ರಿಲ್ ಮಧ್ಯಾಹ್ನದ ಬಿಸಿಲು ಮತ್ತು ಖಾಲಿ ಹೊಟ್ಟೆ ಸೇರಿದರೆ ಶಾಂತ ಸ್ವಭಾವದವರೂ ರೇಗುತ್ತಾರೆ. ಎರಡೂ ಕಡೆಯಿಂದ ಎಷ್ಟು ಜನ ಬರಬೇಕೆಂದು ಮೊದಲೇ ಮಾತಾಡಿಕೊಳ್ಳಿ, ಕಡಿಮೆಯಿದ್ದಷ್ಟೂ ಒಳ್ಳೆಯದು. ನೋಡುವ ಜನ ಹೆಚ್ಚಾದಷ್ಟೂ ಹಿಂದೆ ಸರಿಯುವುದು ಕಷ್ಟ. ಮೊಬೈಲಿನಲ್ಲಿ ವಿಡಿಯೋ ಮಾಡುವ ಹುಡುಗರನ್ನು ಬೈಯದೆ, ಕೈಮುಗಿದು ಕಳಿಸಿ. ವಿಡಿಯೋದಲ್ಲಿ ಸೋಲುವುದನ್ನು ಯಾರೂ ಒಪ್ಪುವುದಿಲ್ಲ.

ಮಚ್ಚು, ಕುಡುಗೋಲು, ಗುದ್ದಲಿ ಆ ದಿನ ಮನೆಯಲ್ಲಿರಲಿ. ಗಿಡಗಂಟಿ ಸವರಬೇಕಾದರೆ ಹಿಂದಿನ ದಿನವೇ ಮಾಡಿ ಮುಗಿಸಿ. 1967ರಲ್ಲಿ ಅಮೆರಿಕದ ಲಿಯೊನಾರ್ಡ್ ಬರ್ಕೊವಿಟ್ಜ್ ಮತ್ತು ಆಂಥೊನಿ ಲೆಪೇಜ್ ಒಂದು ಪ್ರಯೋಗ ಮಾಡಿದರು. ಮೇಜಿನ ಮೇಲೆ ಬಂದೂಕು ಕಾಣುತ್ತಿದ್ದರೆ, ಮೊದಲೇ ರೇಗಿದ್ದವರು ಎದುರಾಳಿಗೆ ಹೆಚ್ಚು ವಿದ್ಯುತ್ ಶಾಕ್ ಕೊಟ್ಟರು. ನಂತರದ ಪ್ರಯೋಗಗಳು ಎಲ್ಲವೂ ಅದೇ ಫಲ ಕೊಟ್ಟಿಲ್ಲ. ನನ್ನ ಸಲಹೆಗೆ ಅಷ್ಟು ದೊಡ್ಡ ಆಧಾರವೂ ಬೇಡ. ಕೈಯಲ್ಲಿ ಏನೂ ಇಲ್ಲದವನ ಸಿಟ್ಟು ಬೈಗುಳದಲ್ಲಿ ಮುಗಿಯುತ್ತದೆ, ಮಚ್ಚು ಇದ್ದವನದು ಆಸ್ಪತ್ರೆಯಲ್ಲಿ.

ಯಂತ್ರ ಹೂಡುವ ಮುಂಚೆ ಒಂದು ಕೆಲಸ ಮಾಡಿ. ಅಣ್ಣ ತನಗೆ ತಿಳಿದ ಎಲ್ಲೆಯ ಮೇಲೆ ನಡೆದು ಗೂಟ ಹೊಡೆಯಲಿ, ತಮ್ಮ ಮಾತಾಡದೆ ನೋಡಲಿ. ಆಮೇಲೆ ತಮ್ಮನ ಸರದಿ. ‘ಅಪ್ಪ ಇದ್ದಾಗ ಬದು ಎಲ್ಲಿತ್ತು, ತೋರಿಸಿ’ ಎಂದರೆ ಸಾಕು. ನಡೆಯುವಾಗ ಮನುಷ್ಯ ನೆನಪು ಮಾಡಿಕೊಳ್ಳುತ್ತಾನೆ, ನೆನಪು ಮಾಡಿಕೊಳ್ಳುವವನು ಕೂಗುವುದಿಲ್ಲ. ಎಷ್ಟೋ ಹೊಲಗಳಲ್ಲಿ ಎರಡು ಸಾಲು ಗೂಟಗಳ ನಡುವಿನ ಅಂತರ ಇಬ್ಬರೂ ಅಂದುಕೊಂಡಿದ್ದಕ್ಕಿಂತ ಕಡಿಮೆ ಇರುತ್ತಿತ್ತು. ಹೆಜ್ಜೆ ಹೆಜ್ಜೆಗೂ ಕೂಗಾಡಿದ್ದವರು ಅದನ್ನು ಕಂಡು ಸುಮ್ಮನಾದದ್ದಿದೆ.

ದನಿ ಏರಿತೆಂದರೆ ಅಳತೆ ನಿಲ್ಲಿಸಿ. ‘ಸಮಾಧಾನ ಮಾಡ್ಕೊಳ್ರಿ’ ಎನ್ನಬೇಡಿ, ಅದು ಬೆಂಕಿಗೆ ತುಪ್ಪ. ಒಬ್ಬರನ್ನು ಹೊಂಗೆ ಮರದ ಕೆಳಗೆ ಕರೆದುಕೊಂಡು ಹೋಗಿ ಟೀ ಕೊಡಿ, ಇನ್ನೊಬ್ಬರನ್ನು ಬೇರೆ ಕಡೆ. ಸಿಟ್ಟು ನೆತ್ತಿಗೇರಿದಾಗ ಎದೆಬಡಿತ ಜೋರಾಗಿ ಕಿವಿಗೆ ಬಿದ್ದ ಮಾತು ತಲೆಗೆ ಹೋಗುವುದಿಲ್ಲ. ಮೈ ಮೊದಲಿನಂತಾಗಲು ಇಪ್ಪತ್ತು ನಿಮಿಷವಾದರೂ ಬೇಕು.

ರಾಜಿ ಮಾತು ಯಾರ ಬಾಯಿಂದ ಬರಬೇಕು

ಇಲ್ಲಿ ಬಹಳ ಜನ ಎಡವುತ್ತಾರೆ. ನೀವೇ ಒಳ್ಳೆಯ ಮನಸ್ಸಿನಿಂದ ‘ಅರ್ಧರ್ಧ ಮಾಡ್ಕೊಳಾಣ’ ಎಂದರೆ ಎದುರಿನವನಿಗೆ ‘ಅರ್ಧಕ್ಕೆ ಒಪ್ತಾನೆ ಅಂದ್ರೆ ಇವನಿಗೇನೋ ಗೊತ್ತಿದೆ’ ಅನ್ನಿಸುತ್ತದೆ. ಶೀತಲ ಸಮರದ ಕೊನೆಯ ವರ್ಷಗಳಲ್ಲಿ ಲೀ ರಾಸ್ ಮತ್ತು ಜೊತೆಗಾರರು ಅಮೆರಿಕದ ಜನರ ಮುಂದೆ ಅಣ್ವಸ್ತ್ರ ಕಡಿತದ ಒಂದೇ ಪ್ರಸ್ತಾಪ ಇಟ್ಟರು. ರೇಗನ್ ಹೇಳಿದ್ದು ಎಂದಾಗ ಬಹುಪಾಲು ಜನ ಒಳ್ಳೆಯದೆಂದರು, ಅದೇ ಪ್ರಸ್ತಾಪ ಗೋರ್ಬಚೇವ್‌ದು ಎಂದಾಗ ಅರ್ಧದಷ್ಟೂ ಜನ ಹಾಗನ್ನಲಿಲ್ಲ. ಆದ್ದರಿಂದ ಮಾತು ಇಬ್ಬರಿಗೂ ಬೇಕಾದ ಮೂರನೆಯವರಿಂದ ಬರಲಿ, ಸೋದರಮಾವನೋ, ಊರಿನ ಹಳೆಯ ಮೇಷ್ಟ್ರೋ. ಅವರೂ ಒಂದೇ ದಾರಿ ಹೇಳದೆ ಎರಡು ಇಟ್ಟು ಆರಿಸಿಕೊಳ್ಳಲು ಬಿಡಲಿ. ತಾನು ಆರಿಸಿದ್ದನ್ನು ಮನುಷ್ಯ ಕಾಪಾಡಿಕೊಳ್ಳುತ್ತಾನೆ.

ಕೊಡುವವನು ಸೋತಂತೆ ಕಾಣದ ಹಾಗೆ ಮಾಡಬಹುದೇ ಎಂದರೆ, ಮಾಡಬಹುದು. ಸರ್ವೆಯವನಾದ ನನಗೆ ಭಾರತ–ಬಾಂಗ್ಲಾದೇಶದ ಗಡಿ ಒಪ್ಪಂದದಷ್ಟು ಇಷ್ಟವಾದದ್ದು ಇನ್ನೊಂದಿಲ್ಲ. ಕೂಚ್ ಬಿಹಾರದ ಸುತ್ತ ಭಾರತದ 111 ತುಂಡುಗಳು ಬಾಂಗ್ಲಾದೇಶದ ಒಳಗೂ, ಅವರ 51 ತುಂಡುಗಳು ನಮ್ಮೊಳಗೂ ಸಿಕ್ಕಿಕೊಂಡಿದ್ದವು. ಒಂದು ಜಾಗವಂತೂ ಬಾಂಗ್ಲಾದೇಶದೊಳಗಿನ ಭಾರತದೊಳಗಿನ ಬಾಂಗ್ಲಾದೇಶದೊಳಗೆ ಇದ್ದ ಭಾರತ, ಎರಡು ಎಕರೆಯೂ ಇಲ್ಲ! ಅಲ್ಲಿನವರಿಗೆ ಶಾಲೆ, ಕರೆಂಟು, ಪೊಲೀಸ್ ಯಾವುದೂ ಸರಿಯಾಗಿ ಇರಲಿಲ್ಲ. 1974ರಲ್ಲಿ ಇಂದಿರಾ ಗಾಂಧಿ ಮತ್ತು ಮುಜಿಬುರ್ ರೆಹಮಾನ್ ಸಹಿ ಹಾಕಿದ ಒಪ್ಪಂದ, ಸಂವಿಧಾನದ 100ನೇ ತಿದ್ದುಪಡಿಯ ನಂತರ 2015ರ ಜುಲೈ 31ರ ಮಧ್ಯರಾತ್ರಿ ಜಾರಿಯಾಯಿತು. ಭಾರತ ಕೊಟ್ಟದ್ದು ಸುಮಾರು 17,160 ಎಕರೆ, ಪಡೆದದ್ದು ಸುಮಾರು 7,110. ಹತ್ತು ಸಾವಿರ ಎಕರೆ ಕಡಿಮೆ! ಆದರೂ ಸಂಸತ್ತಿನ ಎರಡೂ ಸದನಗಳಲ್ಲಿ ವಿರೋಧವಾಗಿ ಒಂದು ಮತವೂ ಬೀಳಲಿಲ್ಲ. ಅದನ್ನು ಯಾರೂ ಬಿಟ್ಟುಕೊಡುವುದೆಂದು ನೋಡಲಿಲ್ಲ, ಅದಲುಬದಲು ಎಂದು ನೋಡಿದರು. ಕಾಗದದ ಮೇಲಿದ್ದರೂ ಕಾಲಿಡಲಾಗದ ನೆಲ ಅದು. ಹೊಲದಲ್ಲೂ ಹೀಗೆ ಮಾಡಿ. ತಮ್ಮನು ಬದುವಿನ ಕಡೆ ಮೂರು ಅಡಿ ಬಿಟ್ಟರೆ ಅಣ್ಣ ಬಾವಿಯ ಕಡೆ ದಾರಿ ಕೊಡಲಿ. ಅದಲುಬದಲಾದದ್ದನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸಿ.

ಬರೆಯುವಾಗ

ಚೆಕ್ಕುಬಂದಿಯಲ್ಲಿ, ಅಂದರೆ ನಾಲ್ಕು ದಿಕ್ಕಿನ ಎಲ್ಲೆ ಹೇಳುವ ಜಾಗದಲ್ಲಿ, ‘ಹುಣಸೆ ಮರದಿಂದ ಮುಂದಕ್ಕೆ ಹಳ್ಳದವರೆಗೆ’ ಎಂದು ಬರೆದ ಪಾಲುಪಟ್ಟಿಗಳನ್ನು ಕಂಡಾಗಲೆಲ್ಲ ನನಗೆ ಸಿಯಾಚಿನ್ ನೆನಪಾಗುತ್ತದೆ. 1949ರ ಕರಾಚಿ ಒಪ್ಪಂದದಲ್ಲಿ ಕದನವಿರಾಮ ರೇಖೆಯನ್ನು ಎನ್‌ಜೆ 9842 ಎಂಬ ಬಿಂದುವಿನವರೆಗೆ ನಿಖರವಾಗಿ ಹೇಳಿ, ಮುಂದಿನದನ್ನು ‘ಅಲ್ಲಿಂದ ಉತ್ತರಕ್ಕೆ ಹಿಮನದಿಗಳ ಕಡೆಗೆ’ ಎಂದು ಬಿಟ್ಟರು. ಅಲ್ಲಿ ಯಾರು ಹೋಗುತ್ತಾರೆ ಎಂಬ ಭಾವನೆ. 1984ರಿಂದ ಎರಡು ದೇಶಗಳ ಸೈನ್ಯ ಅಲ್ಲಿ ನಿಂತಿವೆ, ಗುಂಡಿಗಿಂತ ಹಿಮಕ್ಕೂ ಚಳಿಗೂ ಸತ್ತವರೇ ಹೆಚ್ಚು. 2016ರ ಫೆಬ್ರುವರಿಯಲ್ಲಿ 19,000 ಅಡಿಗೂ ಎತ್ತರದ ಠಾಣೆಯ ಮೇಲೆ ಹಿಮ ಕುಸಿದು ಹತ್ತು ಯೋಧರು ಹೂತುಹೋದರು. ಆರು ದಿನದ ಮೇಲೆ ಜೀವಂತ ಸಿಕ್ಕ, ಆಮೇಲೆ ದೆಹಲಿಯಲ್ಲಿ ತೀರಿಕೊಂಡ ಲಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಧಾರವಾಡ ಜಿಲ್ಲೆಯ ಬೆಟದೂರಿನವರು. ಒಂದು ಸಾಲನ್ನು ಮುಗಿಸದೆ ಬಿಟ್ಟದ್ದರ ಬೆಲೆಯಲ್ಲಿ ಇದೂ ಸೇರಿದೆ ಎಂದು ನಾನು ನಂಬುತ್ತೇನೆ.

ಮರ ಒಣಗುತ್ತದೆ, ಹಳ್ಳ ದಿಕ್ಕು ಬದಲಿಸುತ್ತದೆ. ಯಾವ ಕಲ್ಲಿನಿಂದ ಯಾವ ಕಲ್ಲಿಗೆ ಎಷ್ಟು ಮೀಟರ್ ಎಂದು ಬರೆಸಿ, ನಕ್ಷೆ ಅಂಟಿಸಿ, ಇಬ್ಬರ ಕಡೆಯ ಮುಂದಿನ ತಲೆಮಾರಿನವರಿಂದಲೂ ಸಹಿ ಹಾಕಿಸಿ.

ಆಮೇಲೆ

ಕೈ ಕೂಡಿಸಿ ಆ ದಿನವೇ ಬಾಡೂಟ ಹಾಕಿಸುವ ಪದ್ಧತಿ ನಮ್ಮಲ್ಲಿದೆ. ಅವಸರ ಬೇಡ. 1954ರಲ್ಲಿ ಮುಜಾಫರ್ ಶೆರೀಫ್ ಅಮೆರಿಕದ ಒಕ್ಲಹೋಮದ ಒಂದು ಬೇಸಿಗೆ ಶಿಬಿರದಲ್ಲಿ 22 ಹುಡುಗರನ್ನು ಎರಡು ಗುಂಪು ಮಾಡಿ ಪೈಪೋಟಿಗೆ ಬಿಟ್ಟರು. ಕೆಲವೇ ದಿನಗಳಲ್ಲಿ ಬಾವುಟ ಸುಡುವುದು, ಕೋಣೆಗೆ ನುಗ್ಗುವುದು ಶುರುವಾಯಿತು. ಒಟ್ಟಿಗೆ ಊಟಕ್ಕೆ ಕೂರಿಸಿದರೆ ಊಟವನ್ನೇ ಎರಚಾಡಿದರು. ಹಗೆ ಇಳಿದದ್ದು, ಶಿಬಿರದ ನೀರು ನಿಂತು ಎಲ್ಲರೂ ಸೇರಿ ಹುಡುಕಬೇಕಾದಾಗ, ಕೆಟ್ಟುನಿಂತ ಲಾರಿಯನ್ನು ಎರಡೂ ಗುಂಪು ಒಂದೇ ಹಗ್ಗ ಹಿಡಿದು ಎಳೆಯಬೇಕಾದಾಗ. ಒಬ್ಬರಿಂದಾಗದ, ಇಬ್ಬರಿಗೂ ಬೇಕಾದ ಕೆಲಸ ಹುಡುಕಿ: ಕಾಲುವೆಯ ಹೂಳು ತೆಗೆಸುವುದು, ಜಂಟಿ ಬೋರ್‌ವೆಲ್ಲಿನ ಮೋಟಾರು ಎತ್ತಿಸುವುದು. ಮುಂಗಾರಿಗೆ ಮುಂಚೆ ಇಬ್ಬರೂ ಬದುವಿನ ಮೇಲೆ ನಡೆದು, ಟ್ರಾಕ್ಟರ್ ಹುಡುಗನಿಗೆ ಕಲ್ಲುಗಳನ್ನು ತೋರಿಸಿ.

ಇಷ್ಟೆಲ್ಲ ಎಲ್ಲರ ಜೊತೆಗೂ ನಡೆಯುವುದಿಲ್ಲ. ಕೊಲ್ಲುತ್ತೇನೆ ಎಂದು ಹೆದರಿಸಿದವನ ಜೊತೆ, ಕೈ ಎತ್ತಿದವನ ಜೊತೆ ಒಬ್ಬರೇ ಮಾತಿಗೆ ಹೋಗಬೇಡಿ. 112ಕ್ಕೆ ಫೋನ್ ಮಾಡಿ, ಠಾಣೆಯಲ್ಲಿ ದೂರು ಕೊಡಿ, ಅಳತೆಯ ದಿನಕ್ಕೆ ಪೊಲೀಸ್ ರಕ್ಷಣೆ ಕೇಳಿ. ಮಾತು ಮುರಿದರೂ ಹೊಡೆದಾಟಕ್ಕೆ ಹೋಗಿಲ್ಲ ಎನ್ನುವವರು ನ್ಯಾಯಾಲಯದ ಆವರಣದಲ್ಲಿರುವ ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಲೋಕ ಅದಾಲತ್ತಿನಲ್ಲಿ ಆದ ರಾಜಿಗೆ ಸಿವಿಲ್ ಡಿಕ್ರಿಯಷ್ಟೇ ಬಲವಿದೆ, ಅದರ ಮೇಲೆ ಅಪೀಲು ಇಲ್ಲ, ಮೊದಲೇ ಕಟ್ಟಿದ ಕೋರ್ಟ್ ಫೀಸೂ ವಾಪಸು ಬರುತ್ತದೆ.