ಗುಜರಿ ಬಾಟಲಿಯಲ್ಲಿ ಡ್ವೇನ್ ಆಲ್ಮನ್ ಸ್ಲೈಡ್: ನನ್ನ ಅನುಭವ

ಬೆರಳಿಗೆ ಗಾಜಿನ ಕೊಳವೆ ತೊಟ್ಟು ಗಿಟಾರ್ ತಂತಿಗಳ ಮೇಲೆ ಜಾರಿಸುವುದು ಸ್ಲೈಡ್. ಅಮೆರಿಕದ ಆಲ್ಮನ್ ಬ್ರದರ್ಸ್ ಬ್ಯಾಂಡ್‌ನ ಡ್ವೇನ್ ಆಲ್ಮನ್ ಅದರಲ್ಲಿ ಹೆಸರಾದವನು. ಗಿಬ್ಸನ್ ಕಂಪನಿಯ ಲೆಸ್ ಪಾಲ್ ಗಿಟಾರ್ ಇಲ್ಲದೆ, ಐವತ್ತು ವ್ಯಾಟಿನ ಮಾರ್ಷಲ್ ಆಂಪ್ಲಿಫೈಯರ್ ಇಲ್ಲದೆ ಅವನ ನಾದ ಬರೋದೇ ಇಲ್ಲ ಅಂದವರೇ ಈಗ ನನ್ನ ರೆಕಾರ್ಡಿಂಗ್ ಕೇಳಿ ‘ಯಾವ ಪೆಡಲ್ ಹಾಕಿದ್ದೀರಿ?’ ಅನ್ನುತ್ತಿದ್ದಾರೆ. ನಾದ ಬದಲಿಸುವ ಪೆಡಲ್ಲೇ ಇಲ್ಲ. ಐದು ವ್ಯಾಟಿನ ವಾಲ್ವ್ ಆಂಪ್, ಲೆಸ್ ಪಾಲ್ ಆಕಾರದ ಅಗ್ಗದ ಗಿಟಾರ್, ವೈನ್ ಬಾಟಲಿಯ ಕತ್ತು, ಅಷ್ಟೇ.

ಡ್ವೇನ್ ನುಡಿಸಿದ 1957ರ ಗೋಲ್ಡ್‌ಟಾಪ್ (ಚಿನ್ನದ ಬಣ್ಣದ ಲೆಸ್ ಪಾಲ್) 2019ರ ಹರಾಜಿನಲ್ಲಿ ಹನ್ನೆರಡೂವರೆ ಲಕ್ಷ ಡಾಲರಿಗೆ ಹೋಯಿತು. 1970ರಲ್ಲಿ ಅದನ್ನು ಬೇರೊಂದು ಲೆಸ್ ಪಾಲ್‌ಗೆ ಬದಲಾಯಿಸಿಕೊಂಡಾಗ ತಂತಿಯ ಕಂಪನ ಹಿಡಿಯುವ ಪಿಕಪ್‌ಗಳನ್ನು ಮಾತ್ರ ಬಿಚ್ಚಿಸಿ ತಾನೇ ಇಟ್ಟುಕೊಂಡಿದ್ದ. ಮರದ ಮೇಲೆ ಅವನಿಗೇ ಇಲ್ಲದ ವ್ಯಾಮೋಹ ನಮಗೇಕೆ? ಬಾಟಲಿಯ ವಿಷಯದಲ್ಲಿ ಮಾತ್ರ ರಾಜಿ ಬೇಡ. ಅವನದು ಕೊರಿಸಿಡಿನ್ ಎಂಬ ನೆಗಡಿ ಮಾತ್ರೆಯ ಗಾಜಿನ ಶೀಶೆ, ಉಂಗುರದ ಬೆರಳಿಗೆ. ಅದರ ನಕಲನ್ನು ಹೊರಗಿನಿಂದ ತರಿಸಿದರೆ ಕಸ್ಟಮ್ಸ್ ಸೇರಿ ಎರಡು ಸಾವಿರ ದಾಟುತ್ತಿತ್ತು.

ಮೊದಲು ಇಂಜೆಕ್ಷನ್ ಶೀಶೆ ಹಿಡಿದೆ. ಚಿಕ್ಕದು ಬೆರಳಿಗೆ ಹೋಗದು, ದೊಡ್ಡದು ಗಡಗಡ ಅಲ್ಲಾಡುತ್ತದೆ. ಬಿಯರ್ ಬಾಟಲಿಯ ಕತ್ತು ಶಂಕುವಿನಂತೆ ಇಳಿಯುವುದರಿಂದ ಆರು ತಂತಿಗೂ ಸಮನಾಗಿ ಕೂರದು. ಕೊನೆಗೆ ಕೈಹಿಡಿದದ್ದು ನೇರ ಕತ್ತಿನ ವೈನ್ ಬಾಟಲಿ, ಗುಜರಿಯಲ್ಲಿ ಹತ್ತು ರೂಪಾಯಿ. ಉದ್ದ ಸುಮಾರು 60 ಮಿ.ಮೀ., ಒಳವ್ಯಾಸ 19, ಗಾಜಿನ ದಪ್ಪ ಮೂರರ ಮೇಲೆ. ಹತ್ತು ಕತ್ತುಗಳಲ್ಲಿ ಆರು ಒಡೆದವು. ಮೊದಲ ಮೂರು, ಗ್ಲಾಸ್ ಕಟರ್ ಗೆರೆಯನ್ನು ಎರಡೆರಡು ಸಲ ಎಳೆದದ್ದಕ್ಕೆ. ಬಿರುಕು ದಾರಿ ತಪ್ಪುತ್ತದೆ. ಮಿಕ್ಕವು ಕುದಿನೀರಿನ ಮೇಲೆ ಐಸ್ ನೀರು ಸುರಿದದ್ದಕ್ಕೆ. ಒಂದೇ ಗೆರೆ ಎಳೆದು, ಕುದಿನೀರು ಮತ್ತು ನಲ್ಲಿ ನೀರನ್ನು ಮೂರ್ನಾಲ್ಕು ಸಲ ಸರದಿಯಲ್ಲಿ ಹಾಕಿದರೆ ‘ಟಿಕ್’ ಎಂದು ಕೈಗೆ ಬರುತ್ತದೆ. ಆಮೇಲೆ 220, 400, 800ರ ವಾಟರ್ ಪೇಪರ್. ನೀರಲ್ಲಿ ಅದ್ದಿಯೇ ಉಜ್ಜಿ, ಗಾಜಿನ ಪುಡಿ ಎದೆಗೆ ಹೋಗಬಾರದು. ಒಳ ಅಂಚನ್ನು ಮರೆತರೆ ಬೆರಳು ಕೊಯ್ಯುತ್ತದೆ. ಸಡಿಲ ಹೋಗಲೆಂದು ಒಳಗೆ ಏನು ಅಂಟಿಸಿದ್ದೇನೆ ಎಂಬುದು ನನ್ನ ಹತ್ತಿರವೇ ಇರಲಿ.

ಶ್ರುತಿ ಓಪನ್ ಇ, ಅಂದರೆ ಬರೀ ತಂತಿ ಮೀಟಿದರೇ ಇ ಮೇಜರ್. ನಮ್ಮ ಲೆಕ್ಕದಲ್ಲಿ ದಪ್ಪ ತಂತಿಯಿಂದ ಸ ಪ ಸ ಗ ಪ ಸ, ಗ ಅಂದರೆ ಅಂತರ ಗಾಂಧಾರ. ತೆಳು ತಂತಿಯಿಂದ ಎಣಿಸಿದರೆ ಐದನೇ, ನಾಲ್ಕನೇ ತಂತಿ ಮಾಮೂಲಿ ಶ್ರುತಿಗಿಂತ ಒಂದು ಪೂರ್ಣ ಸ್ವರ ಏರುತ್ತವೆ, ಮೂರನೇದು ಅರ್ಧ. ಮಾಮೂಲಿ ಹನ್ನೊಂದರ ಸೆಟ್ (ಮೊದಲ ತಂತಿಯ ದಪ್ಪ 0.011 ಇಂಚು) ಹಾಗೇ ಹಾಕಿದ್ದಕ್ಕೆ ಗಿಟಾರಿನ ನೆಕ್ ಬಾಗಿ, ರಿಪೇರಿಗೆ ಎಂಟುನೂರು ದಂಡ ತೆತ್ತೆ. ಈಗ 11, 14, 17, 24, 34, 46. ಎಳೆತ ಏರುವ ತಂತಿಗಳು ತೆಳು, ಹಾಡುವ ಮೊದಲೆರಡು ಆ ಸೆಟ್ಟಿನಷ್ಟೇ ದಪ್ಪ.

ಹನ್ನೆರಡನೇ ಫ್ರೆಟ್‌ನಲ್ಲಿ (ನೆಕ್ಕಿನ ಅಡ್ಡ ಕಂಬಿ) ತಂತಿ ಎರಡೂವರೆ ಮಿ.ಮೀ. ಎತ್ತರ. ಫ್ರೆಟ್‌ಬೋರ್ಡ್ ಉಬ್ಬು, ಬಾಟಲಿ ಚಪ್ಪಟೆ. ಮೊದಲ ತಂತಿಗೆ ತಾಗಿಸಲು ಒತ್ತಿದರೆ ಮಧ್ಯದ್ದು ಫ್ರೆಟ್ಟಿಗೆ ಬಡಿದು ಕಟಕಟ. ತಂತಿ ಕೂರುವ ಬ್ರಿಡ್ಜ್‌ನಲ್ಲಿ ಮೂರನೇ, ನಾಲ್ಕನೇ ತಂತಿಯ ಕಚ್ಚುಗಳನ್ನು ಸೂಜಿ ಅರದಿಂದ ಕೂದಲೆಳೆಯಷ್ಟು ಇಳಿಸಿದೆ. ಜಾಸ್ತಿ ಅರೆದು ಒಂದು ಬ್ರಿಡ್ಜ್ ಹಾಳೂ ಆಯಿತು.

ಅಸಲು ಕೆಲಸ ಬಲಗೈಯದು. ಸ್ಲೈಡಿಗೆ ಡ್ವೇನ್ ಪಿಕ್ ಹಿಡಿಯುತ್ತಿರಲಿಲ್ಲ. ಹೆಬ್ಬೆರಳು, ತೋರುಬೆರಳು, ನಡುಬೆರಳು ಮೀಟುವುದಕ್ಕಿಂತ ಹೆಚ್ಚಾಗಿ ತಂತಿಗಳ ಬಾಯಿ ಮುಚ್ಚಿಸುತ್ತವೆ. ಎಡಗೈಯ ತೋರುಬೆರಳು ಬಾಟಲಿಯ ಹಿಂದೆ ಹಗುರವಾಗಿ ಮಲಗಿರಬೇಕು, ಇಲ್ಲವಾದರೆ ಹಿಂದಿನ ತುಂಡು ತಂತಿಯೂ ಕೂಗುತ್ತದೆ. ಇದು ಕೂರಲು ನಾಲ್ಕು ತಿಂಗಳು ಹಿಡಿಯಿತು. ಆಂಪಿನ ಗೇನ್ (ಸದ್ದು ಹಿಗ್ಗಿಸುವ ಮಟ್ಟ) ಏರಿಸಿ ಹುಳುಕು ಮುಚ್ಚೋಣ ಅಂತ ನೋಡಿದೆ. ಗದ್ದಲವೂ ಅಷ್ಟೇ ಏರಿತು.

ಬಾಟಲಿ ಇರಬೇಕಾದ್ದು ಫ್ರೆಟ್ಟಿನ ಹಿಂದಲ್ಲ, ಫ್ರೆಟ್ ಕಂಬಿಯ ನೇರ ಮೇಲೆ. ಮೇಲಿನಿಂದ ಓರೆಯಾಗಿ ನೋಡಿದರೆ ಕಣ್ಣು ಮೋಸ ಮಾಡುತ್ತದೆ, ಕಿವಿ ನಂಬಿ. ಮೊದಲ ತಂತಿಯ ಹದಿನೈದರಲ್ಲಿ ಸಾಧಾರಣ ಗಾಂಧಾರ, ಹದಿನಾರರಲ್ಲಿ ಅಂತರ. ಬ್ಲೂಸ್ ಸಂಗೀತದ ರುಚಿ ಇರುವುದು ಇವೆರಡರ ನಡುವೆ: ಹದಿನೈದನ್ನು ದಾಟಿ, ಹದಿನಾರನ್ನು ಮುಟ್ಟದೆ. 1971ರ ಮಾರ್ಚ್‌ನಲ್ಲಿ ನ್ಯೂಯಾರ್ಕಿನಲ್ಲಿ ಧ್ವನಿಮುದ್ರಿಸಿದ ಅವನ ಬ್ಯಾಂಡಿನ ‘ಆಟ್ ಫಿಲ್ಮೋರ್ ಈಸ್ಟ್’ ಆಲ್ಬಮ್ ಅನ್ನು ಅರ್ಧ ವೇಗದಲ್ಲಿ ಕೇಳಿ, ಗೊತ್ತಾಗುತ್ತದೆ. ಡ್ವೇನ್ ಸ್ಲೈಡ್ ಹಿಡಿದದ್ದು 1968ರ ಸುಮಾರಿಗೆ, ಅಂದರೆ ಕೆಲವೇ ವರ್ಷದ ಕೈ ಅದು. 1971ರ ಅಕ್ಟೋಬರಿನಲ್ಲಿ ಮೇಕನ್ ಊರಿನಲ್ಲಿ ಬೈಕ್ ಅಪಘಾತದಲ್ಲಿ ಸತ್ತ, ವಯಸ್ಸು 24.

ನಡುವೆ, ಸರಳು ಜಾರಿಸಿ ನುಡಿಸುವ ಗೋಟುವಾದ್ಯದ ನೆನಪಾಗಿ ಟೆಫ್ಲಾನ್ ಸರಳಿನ ತುಂಡನ್ನೂ ಪ್ರಯತ್ನಿಸಿದೆ. ಉಜ್ಜಾಟದ ಸದ್ದು ಕಮ್ಮಿ, ಆದರೆ ಮೇಲಿನ ಹೊಳಪು ಮಾಯ. ಹಿತ್ತಾಳೆ ಪೈಪ್ ಅದಕ್ಕೆ ವಿರುದ್ಧ, ನಾದ ವಿಪರೀತ ಚುರುಕು, ತೂಕಕ್ಕೆ ಕೈ ಸೋಲುತ್ತದೆ.

ಗಿಟಾರ್, ಆಂಪ್ ಬಿಟ್ಟು ಒಟ್ಟು ಖರ್ಚು, ಹಾಳಾದದ್ದೂ ಸೇರಿ, ಮೂರು ಸಾವಿರದ ಒಳಗೆ. ಕತ್ತು ಎರಡಾದರೂ ಮಾಡಿಟ್ಟುಕೊಳ್ಳಿ, ನುಡಿಸುವ ಜಾಗದಲ್ಲಿ ಜಮಖಾನ ಹಾಸಿ. ನನ್ನ ಅತ್ಯುತ್ತಮ ಕತ್ತು ಟೈಲ್ಸ್ ನೆಲದ ಮೇಲೆ ಬಿದ್ದು ಪುಡಿಯಾಯಿತು.