ಗಡಿಯಾರದ ಕಾಲೇಜಿಗೆ ಎರಡು ತಾಮ್ರದ ಬಟ್ಟಲು

ಒಬ್ಬ ಕಥೆ ಹೇಳುತ್ತಾ, ಉಳಿದವರು ಒಂದೊಂದು ಪಾತ್ರವಾಗಿ ದಾಳ ಹಾಕುತ್ತಾ ಮುಂದೆ ಸಾಗಿಸುವುದೇ ಕಥೆ ಆಟ. ಅದನ್ನು ನಡೆಸುವ ಗೆಳೆಯರು ನನ್ನನ್ನು ನೋಡಿ ಹೆಚ್ಚುಕಮ್ಮಿ ಒಂದು ವರ್ಷ ನಕ್ಕರು. ಕಾಲ ಹಿಗ್ಗೋದು, ಕುಗ್ಗೋದೆಲ್ಲ ಸಿನಿಮಾಕ್ಕೆ ಸರಿ, ದಾಳ ಹಿಡಿದು ಕೂತವರಿಗೆ ತಲೆನೋವು ಅಂದವರೇ ಜಾಸ್ತಿ. ಈಗ ನಮ್ಮ ಭಾನುವಾರದ ಆಟಕ್ಕೆ ಕುರ್ಚಿ ಸಾಲುತ್ತಿಲ್ಲ. ಪಕ್ಕದ ಹೋಟೆಲಿನಿಂದ ಸಾಲ ತರುತ್ತೇನೆ.

ಹಾಸನದಲ್ಲಿ ನನ್ನದೊಂದು ಮೆಡಿಕಲ್ ಸ್ಟೋರ್ ಇದೆ. ಭಾನುವಾರ ಮಧ್ಯಾಹ್ನ ಶಟರ್ ಎಳೆದ ಮೇಲೆ ಹಿಂದಿನ ಗೋಡೌನಿನಲ್ಲಿ ಆಟ. ಆಸ್ಪತ್ರೆಯ ಇಬ್ಬರು ಸಿಸ್ಟರ್‌ಗಳು, ಒಬ್ಬ ಕಂಡಕ್ಟರ್, ಸಕಲೇಶಪುರ ಕಡೆ ತೋಟದ ಲೆಕ್ಕ ಬರೆಯುವ ಎಸ್ಟೇಟ್ ರೈಟರ್ ಒಬ್ಬರು, ಮೂವರು ಕಾಲೇಜು ಹುಡುಗರು. ಕಥೆ ನಡೆಯುವುದು ಮುಳ್ಳಯ್ಯನಗಿರಿ ಮಗ್ಗುಲಲ್ಲಿ ನಾನೇ ಕಟ್ಟಿದ ವೈದ್ಯ ಅಕಾಡೆಮಿಯಲ್ಲಿ. ಹುಡುಗರು ಅದನ್ನು ಗಡಿಯಾರದ ಕಾಲೇಜು ಅಂತಾರೆ. ಅಲ್ಲಿ ಮಹಡಿ ಮೇಲೆ ಕಾಲ ಆರು ಪಟ್ಟು ಬೇಗ ಓಡುತ್ತದೆ. ಕೆಳಗೆ ಊರಿನ ಕಾಲ. ನೆಲಮಾಳಿಗೆಯಲ್ಲಿ ಕಾಲ ನಿಂತೇ ಹೋಗಿದೆ ಅನ್ನಬೇಕು.

ನೆಲಮಾಳಿಗೆ ಹೊಳೆದದ್ದು ಹಾಸನಾಂಬೆಯ ಸಾಲಿನಲ್ಲಿ ನಿಂತಾಗ. ದೀಪಾವಳಿ ಹೊತ್ತಿಗೆ ಬಾಗಿಲು ತೆಗೆದರೆ ಹೋದ ವರ್ಷ ಹಚ್ಚಿಟ್ಟ ದೀಪ ಉರೀತಾನೇ ಇರುತ್ತದೆ, ಹೂವು ಬಾಡಿರುವುದಿಲ್ಲ ಅಂತ ಚಿಕ್ಕಂದಿನಿಂದ ಕೇಳಿದ್ದೇವಲ್ವಾ. ಒಳಗೆ ಒಂದು ರಾತ್ರಿ ಕಳೆದಿದೆ, ಹೊರಗೆ ಒಂದು ವರ್ಷ. ಐದು ಗಂಟೆ ಸಾಲಿನಲ್ಲಿ ನಿಂತವನಿಗೆ ಇಂಥ ಯೋಚನೆ ಬಂದೇ ಬರುತ್ತದೆ.

ಕಥೆ ಸುಲಭ. ಮೂರು ಕಾಲವನ್ನು ಒಂದೇ ಮೇಜಿನ ಮೇಲೆ ಓಡಿಸುವುದು ಕಷ್ಟ. ಮೊದಲು ವೈಟ್‌ಬೋರ್ಡ್ ತಂದು ಕೋಷ್ಟಕ ಬರೆದೆ. ಎಲ್ಲರೂ ಗುಣಾಕಾರ ಭಾಗಾಕಾರ ಮಾಡುತ್ತಾ ಕೂತರು, ರೋಗಿ ಅನಾಥ. ಆಮೇಲೆ ನೆಂಟರ ಹುಡುಗನೊಬ್ಬನ ಕೈಲಿ ಆ್ಯಪ್ ಮಾಡಿಸಿದೆ. ಐದು ಸಾವಿರ ಕೊಟ್ಟ ನೆನಪು, ಊಟ ತಿಂಡಿ ಬೇರೆ. ಎಲ್ಲರೂ ಮೊಬೈಲ್ ಕೈಗೆತ್ತಿಕೊಂಡರು, ಅಲ್ಲಿಗೆ ಆಟ ಮುಗಿಯಿತು. ಮರಳು ಗಡಿಯಾರ ಆರು ತರಿಸಿದೆ, ಒಂಬೈನೂರು ಚಿಲ್ಲರೆ. ಮೂರು ನಿಮಿಷದ್ದು ಅಂತ ಬರೆದದ್ದು ಎರಡೂವರೆಗೇ ಖಾಲಿ. ಊದುಬತ್ತಿಯನ್ನೂ ಬಿಡಲಿಲ್ಲ. ಫ್ಯಾನ್ ಹಾಕಿದರೆ ಒಂದು ಲೆಕ್ಕ, ಆರಿಸಿದರೆ ಇನ್ನೊಂದು. ಒಟ್ಟು ಎಂಟು ಸಾವಿರದ ಹತ್ತಿರ ನೀರಿಗೆ ಹಾಕಿದೆ.

ಉತ್ತರವೂ ನೀರಿನಲ್ಲೇ ಸಿಕ್ಕಿತು. ನಮ್ಮಜ್ಜಿ ಒಂದು ದಿನ ತಮ್ಮ ಮದುವೆ ಸುದ್ದಿ ತೆಗೆದು, "ಆಗ ಗಡಿಯಾರ ಎಲ್ಲಿತ್ತಪ್ಪ, ಗಳಿಗೆ ಬಟ್ಟಲು ಇಟ್ಟಿದ್ರು" ಅಂದರು. ತಳದಲ್ಲಿ ತೂತಿರುವ ಬಟ್ಟಲು, ನೀರಿನ ಮೇಲೆ ಬಿಟ್ಟರೆ ತುಂಬಿ ಮುಳುಗುತ್ತದೆ. ಮುಳುಗಿದರೆ ಒಂದು ಗಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಗಳಿಗೆ.

ಮಾರನೇ ದಿನವೇ ಎರಡು ತಾಮ್ರದ ಬಟ್ಟಲು ತಂದೆ. ಅಕ್ಕಸಾಲಿಯೊಬ್ಬರ ಹತ್ತಿರ ತೂತು ಹಾಕಿಸಿದೆ, ಅವರು ಐವತ್ತು ರೂಪಾಯಿ ತಗೊಂಡು ಒಂದು ಕಾಫಿನೂ ಕುಡಿದರು. ದೊಡ್ಡದು 24 ನಿಮಿಷಕ್ಕೆ, ಚಿಕ್ಕದು 4 ನಿಮಿಷಕ್ಕೆ ಮುಳುಗಬೇಕು. ಮೊದಲ ತೂತು ದೊಡ್ಡದಾಗಿ ಬಟ್ಟಲು ಕಣ್ಣು ಮಿಟುಕಿಸುವಷ್ಟರಲ್ಲಿ ತಳ ಸೇರಿತು. ತೂತಿನ ಅಗಲ ಅರ್ಧ ಮಾಡಿದರೆ ಹೊತ್ತು ಎರಡು ಪಟ್ಟು ಅಂದುಕೊಂಡಿದ್ದೆ, ಸುಮಾರು ನಾಲ್ಕು ಪಟ್ಟು ಆಗುತ್ತದೆ. ಮೂರು ಬಟ್ಟಲು ಹಾಳಾದ ಮೇಲೆ ತಲೆಗೆ ಹೋಯಿತು. ಕೊನೆಗೆ ಸೆಕೆಂಡ್ ಸರಿಮಾಡಿದ್ದು ಚೂರು ಜೇನುಮೇಣದಿಂದ. ಎಲ್ಲಿ ಹಚ್ಚಿದೆ, ಎಷ್ಟು ಹಚ್ಚಿದೆ ಅನ್ನೋದು ನನ್ನ ಹತ್ತಿರವೇ ಇರಲಿ.

ಚಿಕ್ಕದು ಮುಳುಗಿದರೆ ಮಹಡಿಯಲ್ಲಿ ಒಂದು ದಿನ, ದೊಡ್ಡದು ಮುಳುಗಿದರೆ ಊರಿನಲ್ಲಿ ಒಂದು ದಿನ. ಮಹಡಿಯಲ್ಲಿರುವ ಪಾತ್ರದವರಿಗೆ ಒಂದು ಮೇಜು, ಕೆಳಗಿನವರಿಗೆ ಇನ್ನೊಂದು. ಯಾರೂ ಲೆಕ್ಕ ಹಾಕುವುದಿಲ್ಲ. ಗುಳುಕ್ ಅಂದರೆ ಸಾಕು, ಮಹಡಿ ಮೇಜಿನವರ ಎದೆ ಧಸಕ್ಕೆನ್ನುತ್ತದೆ. ಒಂದೇ ತೊಂದರೆ, ಕೆಳಗಿನ ಮೇಜಿನವರಿಗೆ ಮೂರು ಗಂಟೆಯಲ್ಲಿ ಏಳೇ ದಿನ. ಕಂಡಕ್ಟರ್ ಗೊರಕೆ ಹೊಡೆದರು. ಹಾಗಾಗಿ ದೊಡ್ಡ ಬಟ್ಟಲು ಮುಳುಗಿದಾಗೆಲ್ಲ ಒಬ್ಬರು ಮೇಜು ಬದಲಿಸಲೇಬೇಕು ಅಂತ ಮಾಡಿದೆ.

ಈಗ ಮದ್ದಿನ ವಿಷಯ. ಹೋದ ತಿಂಗಳ ಆಟದಲ್ಲಿ ತೋಟದ ಆಳೊಬ್ಬನಿಗೆ ಹಾವು ಕಚ್ಚಿತ್ತು. ಕೊಳಕುಮಂಡಲ ಇರಬಹುದು, ಯಾರೂ ಸರಿಯಾಗಿ ನೋಡಿಲ್ಲ. ಅವನನ್ನು ನೆಲಮಾಳಿಗೆಯಲ್ಲಿ ಮಲಗಿಸಿದರು, ವಿಷ ನಿಂತಿತು. ಸರಿ, ಮುಂದೆ? ಆ ಹಾವಿನ ವಿಷ ಏರಿದ್ದರೆ ರಕ್ತ ಹೆಪ್ಪುಗಟ್ಟುವುದಿಲ್ಲ. ಹೆಪ್ಪುಗಟ್ಟುತ್ತಾ ಅಂತ ಟ್ಯೂಬಿನಲ್ಲಿಟ್ಟು ನೋಡಲು 20 ನಿಮಿಷ ಬೇಕು. ಅಷ್ಟು ಹೊತ್ತು ಅವನನ್ನು ಹೊರಗಿಟ್ಟರೆ ವಿಷ ಏರುತ್ತದೆ. ಸಿಕ್ಕಿಬಿದ್ದರು ಅಂತ ಖುಷಿಯಲ್ಲಿದ್ದೆ.

ದೊಡ್ಡ ಸಿಸ್ಟರ್ ಬಟ್ಟಲನ್ನೇ ನೋಡುತ್ತಿದ್ದವರು, "ಸಾರ್, ಪೇಷಂಟ್ ಯಾಕೆ ಕಾಯಬೇಕು? ಟ್ಯೂಬ್ ಕಾಯಲಿ" ಅಂದರು. ಬಾಗಿಲ ಹತ್ತಿರ ಒಂದು ನಿಮಿಷ ತಂದು, ಒಣಗಿದ ಹೊಸ ಗಾಜಿನ ಟ್ಯೂಬಿಗೆ ಎರಡು ಎಂಎಲ್ ರಕ್ತ ತೆಗೆದರು. ಅವನು ವಾಪಸ್ ನೆಲಮಾಳಿಗೆಗೆ, ಟ್ಯೂಬ್ ಮಹಡಿಗೆ. ಅಲ್ಲಿನ 20 ನಿಮಿಷ ಅಂದರೆ ಕೆಳಗೆ ಮೂರು ನಿಮಿಷ ಇಪ್ಪತ್ತು ಸೆಕೆಂಡ್. ಓರೆ ಮಾಡಿದರೆ ರಕ್ತ ನೀರಿನ ಹಾಗೆ ಹರಿಯಿತು. ಹಾವಿನ ವಿಷಕ್ಕೆ ಕೊಡುವ ಮದ್ದು ಎಎಸ್‌ವಿ, ಅದರ ಹತ್ತು ವಯಲ್ (ಚಿಕ್ಕ ಬಾಟಲಿ) ಸಿದ್ಧ ಮಾಡಿಕೊಂಡು ಅವನನ್ನು ಹೊರಗೆ ತಂದರು. ಇದನ್ನು ನಾನೇ ಯೋಚಿಸಿಟ್ಟಿದ್ದೆ ಅಂತ ಹೇಳಿಕೊಂಡೆ, ಯಾರೂ ನಂಬಲಿಲ್ಲ.

ಅದೇ ಸಿಸ್ಟರ್ ಮುಂದಿನ ವಾರ ಆಕ್ಸಿಜನ್‌ನಲ್ಲಿ ಎಡವಿದರು. 7,000 ಲೀಟರಿನ ಜಂಬೋ ಸಿಲಿಂಡರ್, ನಿಮಿಷಕ್ಕೆ ಹತ್ತು ಲೀಟರ್. ಹನ್ನೊಂದೂವರೆ ಗಂಟೆ ಬರುತ್ತದೆ ಅಂತ ಮಹಡಿಗೆ ಕಳಿಸಿ ನಿಶ್ಚಿಂತೆಯಾದರು. ಕೆಳಗಿನ ಲೆಕ್ಕದಲ್ಲಿ ಎರಡು ಗಂಟೆಯೊಳಗೆ ಖಾಲಿ! ಆ ದಿನವೆಲ್ಲ ಕಂಡಕ್ಟರ್ ಸಿಲಿಂಡರ್ ಹೊತ್ತು ಮೆಟ್ಟಿಲು ಹತ್ತಿದ್ದೇ ಆಟ.

ರೈಟರ್ ಮಾತ್ರ ಮೊದಲಿನಿಂದ ಇದೆಲ್ಲ ಬುರುಡೆ ಅನ್ನುತ್ತಿದ್ದರು. ಸಾಲಗಾಮೆ ರಸ್ತೆಯಲ್ಲಿ ಉಪಗ್ರಹ ನಿಯಂತ್ರಣ ಕೇಂದ್ರ ಇಟ್ಟುಕೊಂಡ ಊರಿನಲ್ಲಿ ಕೂತು ಹಾಗೆ ಅನ್ನಬಾರದು ಅಂದೆ. ಎತ್ತರಕ್ಕೆ ಹೋದಷ್ಟೂ ಕಾಲ ನಿಜಕ್ಕೂ ಚೂರು ಬೇಗ ಓಡುತ್ತದೆ. ಜಿಪಿಎಸ್ ಉಪಗ್ರಹದ ಗಡಿಯಾರ ತಿದ್ದದೆ ಬಿಟ್ಟರೆ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತದೆ. 1,930 ಮೀಟರಿನ ಮುಳ್ಳಯ್ಯನಗಿರಿ ತುದಿಯಲ್ಲೂ ಹಾಸನಕ್ಕಿಂತ ದಿನಕ್ಕೆ ಎಂಟೊಂಬತ್ತು ನ್ಯಾನೋಸೆಕೆಂಡ್ ಮುಂದೆ. ನಾನು ಸ್ವಲ್ಪ ಜಾಸ್ತಿ ಎಳೆದಿದ್ದೇನೆ, ಅಷ್ಟೇ.

ಅವರು ಬಾಯಿ ಮುಚ್ಚಿದ್ದು ಇದಕ್ಕಲ್ಲ. ಅವರ ಪಾತ್ರ ಮಹಡಿಯಲ್ಲೇ ಐದೂವರೆ ವರ್ಷದ ಎಂಬಿಬಿಎಸ್ ಮುಗಿಸಿ ಅರಸೀಕೆರೆಗೆ ಹೊರಟಿತು. ಊರಿನಲ್ಲಿ ಕಳೆದದ್ದು ಹನ್ನೊಂದೇ ತಿಂಗಳು. ಬಾಗಿಲು ತೆಗೆದವಳು ಅವನ ಅವಳಿ ತಂಗಿ. "ಯಾರು ಬೇಕಿತ್ತಣ್ಣ?" ಅಂದಳು. ರೈಟರ್ ದಾಳ ಕೆಳಗಿಟ್ಟು ಸುಮಾರು ಹೊತ್ತು ಸುಮ್ನೆ ಕೂತರು. ಈಗ ಅವರೇ ಎಲ್ಲರಿಗಿಂತ ಮೊದಲು ಬರುತ್ತಾರೆ.

ಬೋರ್ ನೀರು ಹಾಕಿ ಕೆಟ್ಟೆ. ತೂತಿಗೆ ಸುಣ್ಣ ಕಟ್ಟಿ ಚಿಕ್ಕ ಬಟ್ಟಲು ನಾಲ್ಕೂವರೆ ನಿಮಿಷಕ್ಕೆ ಬಂದಿದೆ. ಶನಿವಾರ ರಾತ್ರಿ ಹುಣಸೆಹಣ್ಣು ನೆನೆಹಾಕಿ ತಿಕ್ಕಬೇಕು.